ರೂಪದರ್ಶಿಯೇ ಇಲ್ಲದ ನಗ್ನಚಿತ್ರ

ಆತ್ಮೀಯರೇ,

ನಗ್ನ ಛಾಯಾಚಿತ್ರಕಲೆಯನ್ನು ಕುರಿತು ನೀವು ಚಿತ್ರದುರ್ಗದಿಂದ ಕಳುಹಿಸಿದ ಲೇಖನವನ್ನು ಈಗಿರುವಂತೆ ಪ್ರಕಟಿಸಲಾರೆ. ಆದರೆ ಕೀಳು ಕುತೂಹಲವಿಲ್ಲದೆ ಈ ವಿಷಯವನ್ನು ಕನ್ನಡದಲ್ಲಿ ಬರೆಯುವವರು ವಿರಳವಾದ್ದರಿಂದ, ನೀವು ಇದನ್ನು ತಿದ್ದಿ ಬರೆಯಲೇಬೇಕೆಂಬುದು ನನ್ನ ಆಗ್ರಹ.

ಲೇಖನದಲ್ಲಿ ದೇಹವಿದೆ, ಬೆಳಕಿದೆ, ಛಾಯಾಗ್ರಾಹಕನ ಪ್ರತಿಭೆಯ ಹೊಗಳಿಕೆ ಧಾರಾಳವಾಗಿದೆ. ಕ್ಯಾಮೆರಾದ ಎದುರಿಗಿದ್ದವಳು ಮಾತ್ರ ಒಂದು ವಾಕ್ಯಕ್ಕೂ ಕರ್ತೃವಾಗಿಲ್ಲ. ಅಮೆರಿಕದ ಛಾಯಾಗ್ರಾಹಕ ಎಡ್ವರ್ಡ್ ವೆಸ್ಟನ್ 1936ರಲ್ಲಿ ತೆಗೆದ, ಬಾಗಿಲ ಬಳಿ ಮೊಣಕಾಲು ಮಡಿಸಿ ತಲೆ ತಗ್ಗಿಸಿ ಕುಳಿತ ಹೆಣ್ಣಿನ ಚಿತ್ರವನ್ನು ನೀವು ‘ಅನಾಮಿಕ ಸೌಂದರ್ಯ’ ಎಂದು ಕರೆದಿದ್ದೀರಿ. ಆಕೆ ಅನಾಮಿಕಳಲ್ಲ, ಕಾರಿಸ್ ವಿಲ್ಸನ್, ಸ್ವತಃ ಬರಹಗಾರ್ತಿ. ಮರುವರ್ಷ ವೆಸ್ಟನ್ನರಿಗೆ ದೊರೆತ, ಕಲಾವಿದರಿಗೆ ಧನಸಹಾಯ ನೀಡುವ ಗುಗೆನ್‌ಹೈಮ್ ಫೆಲೋಶಿಪ್ಪಿನ ಅರ್ಜಿಯಲ್ಲಿ ಆಕೆಯ ಬರವಣಿಗೆಯ ಪಾಲೂ ಇತ್ತು. ಆ ಚಿತ್ರದಲ್ಲಿ ಬಲತೋಳಿನ ಮೇಲೆ ಬಿದ್ದ ನೆರಳು ವೆಸ್ಟನ್ನರಿಗೆ ಹಿಡಿಸಿರಲಿಲ್ಲ. ಆಕೆಗೆ ತನ್ನ ಸೊಟ್ಟ ಬೈತಲೆಯೂ ಕೂದಲಿನ ಪಿನ್ನುಗಳೂ ಹಿಡಿಸಿರಲಿಲ್ಲ. ಮುಖ ಕಾಣದ ಆ ಚಿತ್ರದಲ್ಲಿ ನಮಗೆ ನೇರವಾಗಿ ಎದುರಾಗುವುದು ಆ ಬೈತಲೆಯೇ. ‘ದಿವ್ಯ’, ‘ಅಲೌಕಿಕ’ ಎಂಬ ವಿಶೇಷಣಗಳನ್ನೆಲ್ಲ ಹೊಡೆದುಹಾಕಿ, ಇಂಥದ್ದೊಂದನ್ನು ಓದುಗರಿಗೆ ತೋರಿಸಿ.

ದೇಹವನ್ನು ಕೋಟೆಯ ಬಂಡೆಗಳಿಗೆ ಹೋಲಿಸುವುದು ದುರ್ಗದವರಿಗೆ ಸಹಜ. ಆದರೆ ಪುಟಪುಟಕ್ಕೂ ಅದೇ ಬಂದರೆ ಬೇಸರವಾಗುತ್ತದೆ. ಬ್ರಿಟನ್ನಿನ ಛಾಯಾಗ್ರಾಹಕ ಬಿಲ್ ಬ್ರಾಂಟ್ ಅಗಲ ಕೋನದ ಮಸೂರವನ್ನು ದೇಹದ ತೀರ ಹತ್ತಿರಕ್ಕೆ ತಂದು, ಕಡಲತೀರದ ಕಲ್ಲುಗಳ ನಡುವೆ ಮೊಣಕೈ, ಪಾದಗಳು ಬಂಡೆಗಳಂತೆಯೇ ಉಬ್ಬಿ ಕಾಣುವ ಹಾಗೆ ಮಾಡಿದರು. ಹಾಗೆ ಕಾಣಬೇಕಾದರೆ ಆ ಕಲ್ಲುಗಳ ಮೇಲೆ ಯಾರೋ ಅಲುಗದೆ ಮಲಗಿರಬೇಕಾಯಿತು. ಆ ಶ್ರಮದ ಬಗ್ಗೆ ನಿಮ್ಮಲ್ಲಿ ಒಂದು ಮಾತೂ ಇಲ್ಲ.

ಅಕ್ಕಮಹಾದೇವಿಯ ಪ್ರಸ್ತಾಪವನ್ನು ದಯವಿಟ್ಟು ತೆಗೆಯಿರಿ. ಅಕ್ಕ ಉಡುಗೆ ತೊರೆದದ್ದು ಚೆನ್ನಮಲ್ಲಿಕಾರ್ಜುನನಿಗೆ ಒಲಿದು, ಯಾರ ಚೌಕಟ್ಟಿಗೂ ಒದಗಲೆಂದಲ್ಲ. ರೂಪದರ್ಶಿಯ ನಗ್ನತೆ ಆಕೆ ಒಪ್ಪಿ ಮಾಡುವ ಕೆಲಸ: ಎಷ್ಟು ಹೊತ್ತು, ಎಷ್ಟು ಸಂಭಾವನೆ, ಎಲ್ಲಿಯವರೆಗೆ, ಚಿತ್ರ ಯಾರ ಕೈ ಸೇರಬಹುದು ಎಂಬುದೆಲ್ಲ ಮೊದಲೇ ಮಾತಾಗಿರಬೇಕು. ದಾವಣಗೆರೆಯ ದೃಶ್ಯಕಲಾ ಮಹಾವಿದ್ಯಾಲಯಕ್ಕೆ ಬಂದು, ಚಿತ್ರಾಭ್ಯಾಸಕ್ಕೆ ಕುಳಿತವರು ಯಾರಾದರೂ ಸಿಕ್ಕರೆ ಕೇಳಿ ನೋಡಿ. ಅವರು ಬಟ್ಟೆ ತೊಟ್ಟೇ ಕುಳಿತಿರಲಿ, ಜೋಮು ಹಿಡಿದ ಕಾಲಿನ ಸಂಗತಿಯನ್ನು ಅವರಿಂದಲೇ ಕೇಳಬೇಕು.

ನಮ್ಮ ಕಾನೂನಿನಲ್ಲಿ ನಗ್ನಚಿತ್ರವೆಲ್ಲ ಅಪರಾಧವೆಂಬ ನಿಮ್ಮ ಮಾತೂ ತಪ್ಪು. ಟೆನಿಸ್ ಆಟಗಾರ ಬೋರಿಸ್ ಬೆಕರ್ ಮತ್ತು ಅವರ ಭಾವಿ ಪತ್ನಿಯ ನಗ್ನಚಿತ್ರ ಅಚ್ಚಾದ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2014ರಲ್ಲಿ, ಚಿತ್ರವನ್ನು ಅದರ ಸಂದರ್ಭ ಮತ್ತು ಸಂದೇಶದೊಂದಿಗೆ ನೋಡಬೇಕೆಂದು ಹೇಳಿ ಅದು ಅಶ್ಲೀಲವಲ್ಲವೆಂದಿತು. ಆದರೆ ಖಾಸಗಿ ಅಂಗಗಳ ಚಿತ್ರವನ್ನು ಒಪ್ಪಿಗೆಯಿಲ್ಲದೆ ತೆಗೆಯುವುದೂ ಹಂಚುವುದೂ ಮಾಹಿತಿ ತಂತ್ರಜ್ಞಾನ ಕಾಯ್ದೆಯ 66ಇ ಕಲಮಿನಡಿ ಶಿಕ್ಷಾರ್ಹ.

ತಿದ್ದಿದ ಪ್ರತಿಯೊಂದಿಗೆ ಚಿತ್ರಗಳನ್ನು ಕಳುಹಿಸುವುದಾದರೆ, ಛಾಯಾಗ್ರಾಹಕರ ಅನುಮತಿಯಷ್ಟೇ ಸಾಲದು. ರೂಪದರ್ಶಿ ವಯಸ್ಕರೆಂಬ ಖಾತರಿ ಹಾಗೂ ಅವರೇ ಸಹಿ ಮಾಡಿದ ಒಪ್ಪಿಗೆಪತ್ರವೂ ಜೊತೆಗಿರಲಿ.

ವಿಶ್ವಾಸದಿಂದ,
ಸಂಪಾದಕ, ದಾವಣಗೆರೆ