ತೆಂಗಿನ ಬುಡದಲ್ಲಿ ಎದ್ದ ಬಿಳಿ ಅಣಬೆ ತಿನ್ನಬಹುದಾ?

ನಿಮ್ಮ ಪ್ರಶ್ನೆ ನನಗೆ ಅರ್ಥವಾಗಿದ್ದು ಹೀಗೆ. ತುಮಕೂರಿನ ಅಂಚಿನಲ್ಲಿ ಹೊಸ ಮನೆ, ಹಿತ್ತಲಲ್ಲಿ ನಾಲ್ಕು ತೆಂಗಿನ ಮರ. ಒಳ್ಳೆ ಮಳೆ ಬಿದ್ದ ಮೂರನೇ ದಿನ ಬುಡದ ಸುತ್ತ ಅಂಗೈಯಗಲದ ಬಿಳಿ ಅಣಬೆ ಎದ್ದಿವೆ. ಬೆಳ್ಳಿ ಚಮಚ ಹಾಕಿ ಬೇಯಿಸಿ, ಚಮಚ ಕಪ್ಪಾಗದಿದ್ದರೆ ತಿನ್ನಿ ಅಂತ ಪಕ್ಕದ ಮನೆಯವರು ಹೇಳಿದ್ದಾರೆ. ನೀವು ಫೋಟೋ ಹಾಕಿ, ಇದು ತಿನ್ನುವುದಾ, ಕಾಡಿನ ಅಣಬೆ ಗುರುತಿಸೋದು ಹೇಗೆ ಕಲಿಯೋದು, ಮನೆಯಲ್ಲೇ ಬೆಳೆಯಬಹುದಾ ಅಂತ ಕೇಳಿದ್ದೀರಿ.

ಮೊದಲನೆಯದಕ್ಕೆ ಉತ್ತರ: ತಿನ್ನಬೇಡಿ. ಚಮಚ ಏನೇ ಹೇಳಲಿ, ತಿನ್ನಬೇಡಿ.

ಆ ಚಮಚದ ಪರೀಕ್ಷೆ ನಮ್ಮ ಮನೆಯಲ್ಲೇ ಆಗಿದೆ. ನಾವು ತೀರ್ಥಹಳ್ಳಿ ಕಡೆಯವರು, ಅಣಬೆ ತಿಂದೇ ಬೆಳೆದವರು. ಅಕ್ಕ–ಭಾವ ಶಿವಮೊಗ್ಗದಲ್ಲಿ ಮನೆ ಕಟ್ಟಿ ಮುಂದೆ ಒಂದಿಷ್ಟು ಹುಲ್ಲುಹಾಸು ಮಾಡಿಸಿದ್ದರು. ಒಂದು ಜುಲೈ ತಿಂಗಳಲ್ಲಿ ನಾನು ಹೋದಾಗ ಆ ಹುಲ್ಲಿನ ಮೇಲೆ ಹತ್ತು ಹನ್ನೆರಡು ಅಣಬೆ ಕೊಡೆ ಬಿಚ್ಚಿ ನಿಂತಿದ್ದವು. ನೋಡಲು ಎಷ್ಟು ಚೆಂದ ಅಂದರೆ, ಬಿಳಿ ಕೊಡೆ, ನಡುವೆ ಕಂದು ಬಣ್ಣದ ಚಕ್ಕೆ, ಕಾಲಿಗೆ ಒಂದು ಬಳೆ. "ಊರಿನ ಅಣಬೆ ನಮ್ಮನ್ನು ಹುಡುಕಿಕೊಂಡು ಬಂದಿದೆ" ಅಂತ ಭಾವ ಖುಷಿಯಲ್ಲಿದ್ದರು. ಅಕ್ಕನಿಗೆ ಸ್ವಲ್ಪ ಅನುಮಾನ. ಸಾರು ಕುದಿಯುವಾಗ ದೇವರ ಮನೆಯ ಬೆಳ್ಳಿ ಚಮಚ ತಂದು ಅದರಲ್ಲಿ ಮುಳುಗಿಸಿದಳು. ಚಮಚ ಹೊಳೆಯುತ್ತಲೇ ಇತ್ತು. ಎಂಟೂವರೆಗೆ ಕಡುಬಿನ ಜೊತೆ ಬಡಿಸಿದಳು. ಹತ್ತೂವರೆಗೆ ಭಾವನಿಗೆ ವಾಂತಿ ಶುರು. ಅವರ ಹಿಂದೆ ಅಕ್ಕ, ಅವಳ ಹಿಂದೆ ನಾನು. ಒಂದೇ ಬಚ್ಚಲು, ಮೂರು ಜನ. ಅಣಬೆ ಕಂಡರಾಗದ ಅಕ್ಕನ ಮಗ ಒಬ್ಬನೇ ನೆಟ್ಟಗಿದ್ದಿದ್ದು, ಆಟೋ ಕರೆದವನೂ ಅವನೇ.

ಆಸ್ಪತ್ರೆಯಲ್ಲಿ ಡಾಕ್ಟರು ಮೊದಲು ಕೇಳಿದ್ದು ಎರಡೇ ಪ್ರಶ್ನೆ. ತಿಂದಿದ್ದು ಎಷ್ಟು ಗಂಟೆಗೆ? ವಾಂತಿ ಶುರುವಾಗಿದ್ದು ಎಷ್ಟು ಗಂಟೆಗೆ? ಎರಡು ಗಂಟೆ ಅಂತರ ಅಂದಾಗ ಅವರ ಮುಖ ಸ್ವಲ್ಪ ಸಡಿಲವಾಯಿತು. ಮೂರು ಬಾಟಲಿ ಡ್ರಿಪ್ ಏರಿದ ಮೇಲೆ ನಮ್ಮ ಹೊಟ್ಟೆಯೂ ತಣ್ಣಗಾಯಿತು. ಕಾರಣ ಅವರು ಬೆಳಿಗ್ಗೆ ಹೇಳಿದರು. ಬೇಗ ವಾಂತಿ ಮಾಡಿಸುವ ಅಣಬೆಗಳು ಹೈರಾಣು ಮಾಡುತ್ತವೆ, ಆದರೆ ಹೆಚ್ಚಿನವರು ಉಳಿದುಕೊಳ್ಳುತ್ತಾರೆ. ನಿಜವಾಗಿ ಕೊಲ್ಲುವ ಅಣಬೆ ಆರು ಗಂಟೆಗೂ ಜಾಸ್ತಿ ಹೊತ್ತು ಸುಮ್ನೆ ಇರುತ್ತದೆ. ಆಮೇಲೆ ವಾಂತಿ ಭೇದಿ. ಮಾರನೇ ದಿನ ಎಲ್ಲ ಸರಿಹೋಯಿತು ಅನ್ನಿಸುತ್ತದೆ, ಜನ ಮನೆಗೆ ಹೋಗಿ ಗಂಜಿ ಕುಡಿದು ಮಲಗುತ್ತಾರೆ. ಅಷ್ಟು ಹೊತ್ತಿಗೆ ಒಳಗೆ ಲಿವರ್ ಕೆಡುತ್ತಿರುತ್ತದೆ. ಅಮಾನಿಟಾ ಜಾತಿಯ ಕೆಲವು ಅಣಬೆಗಳ ವಿಷ ಇಂಥದ್ದು. ಎಷ್ಟು ಕುದಿಸಿದರೂ, ಒಣಗಿಸಿದರೂ ಅದು ಹೋಗುವುದಿಲ್ಲ. 2022ರ ಏಪ್ರಿಲ್‌ನಲ್ಲಿ ಅಸ್ಸಾಮಿನಲ್ಲಿ ಕಾಡಣಬೆ ತಿಂದು 13 ಜನ ತೀರಿಕೊಂಡರು. ಅದರಲ್ಲಿ ಹೆಚ್ಚಿನವರು ಚಹಾ ತೋಟಗಳ ಕಡೆಯವರು. ಅಣಬೆ ಕಂಡೇ ಇಲ್ಲದ ಪೇಟೆಯ ಜನ ಏನಲ್ಲ.

ಹಾಗಂತ ಬೇಗ ವಾಂತಿಯಾದರೆ ಗಂಡಾಂತರ ಇಲ್ಲ ಅಂತ ತಿಳಿಯಬೇಡಿ. ಸಾರಿಗೆ ಎರಡು ಮೂರು ಜಾತಿ ಬೆರೆತಿದ್ದರೆ ಒಂದು ಬೇಗ, ಇನ್ನೊಂದು ತಡವಾಗಿ ಕೆಲಸ ಮಾಡಬಹುದು. ಹುಣಸೆ ನೀರು, ಮಜ್ಜಿಗೆ ಅಂತ ಮನೆಮದ್ದು ಮಾಡುತ್ತ ಕೂರದೆ ಸೀದಾ ಆಸ್ಪತ್ರೆಗೆ ಹೋಗಬೇಕು. ಉಳಿದ ಅಣಬೆಯನ್ನೋ ಉಳಿದ ಸಾರನ್ನೋ ಜೊತೆಗೆ ತೆಗೆದುಕೊಂಡು ಹೋಗಬೇಕು. ತಿಂದವರೆಲ್ಲ ಹೋಗಬೇಕು, ಇನ್ನೂ ಚೆನ್ನಾಗಿರುವವರೂ ಸೇರಿ.

ಇನ್ನು ಆ ಬೆಳ್ಳಿ. ಬೆಳ್ಳಿ ಕಪ್ಪಾಗುವುದು ಗಂಧಕ ತಾಗಿದಾಗ. ಮೊಟ್ಟೆ ತಿಂದ ಬೆಳ್ಳಿ ಚಮಚವೂ ಕಪ್ಪಾಗುತ್ತದೆ, ಮೊಟ್ಟೆಯಲ್ಲಿ ವಿಷ ಇದೆಯಾ? ಅಣಬೆಯ ವಿಷಕ್ಕೂ ಬೆಳ್ಳಿಗೂ ಏನೂ ಸಂಬಂಧವಿಲ್ಲ. ಬೆಳ್ಳುಳ್ಳಿ, ಅರಿಸಿನ, ಅಕ್ಕಿ ಹಾಕಿ ಬಣ್ಣ ನೋಡುವುದೂ ಅಷ್ಟೇ. ಹುಳ ತಿಂದಿದ್ದರೆ ಮನುಷ್ಯರೂ ತಿನ್ನಬಹುದು ಅನ್ನುವುದು ಇನ್ನೂ ಅಪಾಯದ ಮಾತು. ನಮ್ಮನ್ನು ಕೊಲ್ಲುವ ಅಣಬೆಯನ್ನೂ ಹುಳಗಳು ಆರಾಮಾಗಿ ಮೇಯುತ್ತವೆ.

ಮನೆಗೆ ಬಂದ ಮೇಲೆ ನನಗೆ ಹಟ ಹಿಡಿಯಿತು. ಹುಲ್ಲಿನ ಮೇಲೆ ಇನ್ನೂ ಎರಡು ಅಣಬೆ ಉಳಿದಿದ್ದವು. ಒಂದರ ಕಾಲು ಮುರಿದು, ಕೊಡೆಯನ್ನು ಅಡಿ ಕೆಳಗಾಗಿ ಒಂದು ಬಿಳಿ ಮದುವೆ ಕರೆಯೋಲೆಯ ಹಿಂಭಾಗದ ಮೇಲಿಟ್ಟು ಸ್ಟೀಲ್ ಬಟ್ಟಲು ಮುಚ್ಚಿದೆ. ಬೆಳಿಗ್ಗೆ ಎತ್ತಿದರೆ ಕಾಗದದ ಮೇಲೆ ಚಕ್ರದ ಅರೆಗಳ ಹಾಗೆ ಸಣ್ಣ ಸಣ್ಣ ಗೆರೆ, ಮಸುಕು ಹಸಿರು, ಹಳೇ ಬಾವಿಯ ಪಾಚಿ ಒಣಗಿದ ಬಣ್ಣ. ಕೊಡೆಯ ಅಡಿಯ ಪದರಗಳಿಂದ ಉದುರುವ ಬೀಜದ ಪುಡಿ ಅದು. ಹಸಿರು ಪುಡಿ ಬಿದ್ದರೆ ಅದು ಕ್ಲೋರೋಫಿಲ್ಲಮ್ ಮೊಲಿಬ್ಡೈಟಿಸ್. ಹುಲ್ಲುಹಾಸಿನಲ್ಲಿ, ತೋಟದ ಬಯಲಲ್ಲಿ, ತೆಂಗಿನ ಬುಡದಲ್ಲಿ ಮಳೆ ಬಂದ ಕೂಡಲೇ ಏಳುವ ಜಾತಿ. ಬೆಚ್ಚಗಿನ ಊರುಗಳಲ್ಲಿ ಜನ ತಿಂದು ಆಸ್ಪತ್ರೆ ಸೇರುವ ಅಣಬೆಗಳಲ್ಲಿ ಇದರದ್ದೇ ದೊಡ್ಡ ಪಾಲು. ಎಳೆಯದಿದ್ದಾಗ ಪದರ ಬೆಳ್ಳಗೇ ಇರುತ್ತದೆ, ಹಸಿರು ಬರುವುದು ಬಲಿತ ಮೇಲೆ. ನಮ್ಮ ಭಾವ ಮೋಸ ಹೋಗಿದ್ದು ಅಲ್ಲೇ. ನಿಮ್ಮ ಫೋಟೋ ನೋಡಿ ನನಗೆ ನೆನಪಾಗಿದ್ದೂ ಅದೇ ಕೊಡೆ. ಆದರೆ ಫೋಟೋ ನೋಡಿ ಇದೇ ಅಂತ ನಾನು ಹೇಳುವುದಿಲ್ಲ. ಪುಡಿಯ ಬಣ್ಣ ಫೋಟೋದಲ್ಲಿ ಬರುವುದಿಲ್ಲ, ಮಣ್ಣೊಳಗಿನ ಬುಡವೂ ಬರುವುದಿಲ್ಲ. ಕೊಲ್ಲುವ ಅಮಾನಿಟಾ ಅಣಬೆಗಳಲ್ಲಿ ಸಾಮಾನ್ಯವಾಗಿ ಆ ಬುಡಕ್ಕೆ ಒಂದು ಚೀಲ ಇರುತ್ತದೆ. ಚಾಕುವಿನಲ್ಲಿ ಮೇಲೆ ಕೊಯ್ದು ತಂದರೆ ಆ ಚೀಲ ಮಣ್ಣಲ್ಲೇ ಉಳಿದು, ಗುರುತು ಕೈತಪ್ಪಿ ಹೋಗುತ್ತದೆ. ಫೋನಿನ ಆಪ್‌ಗಳಿಗೂ ಇದೇ ಕಷ್ಟ.

ಈಗ ಗುರುತಿಸೋದು ಕಲಿಯುವ ವಿಷಯ. ನಮ್ಮ ಅಜ್ಜಿ ಅರವತ್ತು ಮಳೆಗಾಲ ಅಣಬೆ ಕಿತ್ತವಳು. ಅವಳಿಗೆ ಗೊತ್ತಿದ್ದಿದ್ದು ಒಟ್ಟು ಮೂರೇ ಅಣಬೆ. ದಾರಿಯಲ್ಲಿ ಮಿಕ್ಕಿದ್ದು ಎಷ್ಟೇ ಚೆಂದ ಕಂಡರೂ "ಅದು ನಾಯಿಕೊಡೆ, ಬಾ" ಅಂತ ಕೈ ಹಿಡಿದು ಎಳೆಯುತ್ತಿದ್ದಳು. ಅವು ವಿಷವೋ ಅಲ್ಲವೋ ಅನ್ನುವುದು ಅವಳಿಗೆ ಬೇಕಾಗಿರಲಿಲ್ಲ. ತಿನ್ನುವ ಅಣಬೆಗೂ ವಿಷದ ಅಣಬೆಗೂ ಇರುವ ವ್ಯತ್ಯಾಸ ಕಲಿಯುತ್ತೇನೆ ಅಂತ ನೀವು ಹೊರಟರೆ ಅಂಥ ಒಂದೇ ಸೂತ್ರ ಸಿಗುವುದಿಲ್ಲ. ಒಂದು ಅಣಬೆಯನ್ನು ಕಲಿಯಬಹುದು. ಅದು ಎಲ್ಲಿ ಏಳುತ್ತದೆ, ಯಾವ ಮಳೆಗೆ, ಬುಡ ಹೇಗೆ, ವಾಸನೆ ಏನು, ಬಲಿತರೆ ಏನಾಗುತ್ತದೆ, ಎಲ್ಲ. ಅದನ್ನು ವರ್ಷಗಟ್ಟಲೆ ತಿಂದವರ ಜೊತೆ ನಾಲ್ಕೈದು ಮಳೆಗಾಲ ಓಡಾಡಿ ಕಲಿಯಬೇಕು.

ಉದಾಹರಣೆಗೆ ನಮ್ಮ ಹೆಗ್ಗಾಲಣಬೆ. ಇದು ಹುತ್ತದ ಅಣಬೆ, ಟರ್ಮಿಟೋಮೈಸಿಸ್ ಕುಲದ್ದು. ಆರಿದ್ರೆ ಮಳೆ ಹೊಯ್ದು ನಡುವೆ ಒಂದೆರಡು ದಿನ ಬಿಸಿಲು ಬಿತ್ತು ಅಂದರೆ ಅಜ್ಜಿ ಬೆಳಕು ಹರಿಯುವ ಮೊದಲೇ ಗೊರಬು ಹಾಕಿಕೊಂಡು ಹೊರಡುತ್ತಿದ್ದಳು. ಗುಡುಗಿದರೆ ಅಣಬೆ ಏಳುತ್ತದೆ ಅಂತ ಅವಳ ನಂಬಿಕೆ. ಹೋದ ವರ್ಷ ಎದ್ದ ಜಾಗಕ್ಕೇ ನೇರ ಹೋಗುತ್ತಿದ್ದಳು, ಆ ಜಾಗ ಸೊಸೆಯರಿಗೂ ಹೇಳುತ್ತಿರಲಿಲ್ಲ. ನನ್ನನ್ನು ಮಾತ್ರ ಬುಟ್ಟಿ ಹೊರಲು ಕರೆದೊಯ್ಯುತ್ತಿದ್ದಳು. ಕೊಡೆಯ ನಡುನೆತ್ತಿಯಲ್ಲಿ ಬೂದು ಬಣ್ಣದ ಚೂಪು ಮೊನೆ, ಮಣ್ಣು ಸೀಳಿಕೊಂಡು ಬರಲು ಇರುವಂಥದ್ದು. ಅಜ್ಜಿ ಅದನ್ನು ಎಳೆಯುತ್ತಿರಲಿಲ್ಲ. ಚೂಪಾದ ಕೋಲಿನಿಂದ ಸುತ್ತ ಮಣ್ಣು ಬಿಡಿಸುತ್ತಾ ಹೋಗುವಳು. ಕಾಲು ಮುಗಿಯಿತು ಅಂದುಕೊಂಡರೆ ಅದು ಬೇರಿನ ಹಾಗೆ ಸಪೂರವಾಗಿ ಇನ್ನೂ ಕೆಳಗೆ ಇಳಿದಿರುತ್ತಿತ್ತು. ಒಮ್ಮೊಮ್ಮೆ ಮೊಳಕೈವರೆಗೂ ಕೈ ಇಳಿಸಿದ್ದುಂಟು. "ಬೇರು ನೋಡದೆ ಬುಟ್ಟಿಗೆ ಹಾಕಬೇಡ" ಅನ್ನುತ್ತಿದ್ದಳು.

ಆ ಬೇರು ಹೋಗಿ ಮುಟ್ಟುವುದು ಗೆದ್ದಲಿನ ತೋಟಕ್ಕೆ. ಇದು ನನಗೆ ತುಂಬಾ ದಿನ ಆದಮೇಲೆ ಗೊತ್ತಾಗಿದ್ದು. ಗೆದ್ದಲು ತರಗೆಲೆ, ಕಟ್ಟಿಗೆ ಜಗಿದು ತಂದು ನೆಲದೊಳಗೆ ಸ್ಪಂಜಿನಂಥ ಗೂಡು ಕಟ್ಟುತ್ತದೆ. ಅದರ ಮೇಲೆ ಈ ಶಿಲೀಂಧ್ರ ಬೆಳೆಸುತ್ತದೆ. ಶಿಲೀಂಧ್ರ ಆ ಕಟ್ಟಿಗೆಯನ್ನು ಮೆತ್ತಗೆ ಮಾಡಿ ಕೊಡುತ್ತದೆ, ಗೆದ್ದಲು ಅದನ್ನೇ ತಿಂದು ಬದುಕುತ್ತದೆ. ಗೆದ್ದಲು ಇಲ್ಲದೆ ಅದು ಬೆಳೆಯದು. ಅದಕ್ಕೇ ಹೆಗ್ಗಾಲಣಬೆಯನ್ನು ಶೆಡ್ಡಿನಲ್ಲಿ ಬೆಳೆದು ಮಾರುವುದು ಇವತ್ತಿಗೂ ಆಗಿಲ್ಲ. ಯಾರಾದರೂ ಅದರ ಬೀಜ ಇದೆ ಅಂತ ಮಾರಲು ಬಂದರೆ ನಕ್ಕು ಕಳಿಸಿ. ಹುತ್ತ ಅಗೆದು ಹಾಳು ಮಾಡಿದರೆ ಮುಂದಿನ ವರ್ಷ ಆ ಜಾಗದಲ್ಲಿ ಅಣಬೆಯೂ ಇಲ್ಲ.

ಕರಾವಳಿಯ ಕಲ್ಲಣಬೆ ಇನ್ನೊಂದು ಬಗೆ. ಉಡುಪಿ, ಕಾರ್ಕಳ ಕಡೆ ಮುಂಗಾರಿನ ಶುರುವಿನಲ್ಲಿ ಮಣ್ಣು ಮೆತ್ತಿದ ಗೋಲಿಗಳ ಹಾಗೆ ರಾಶಿ ಹಾಕಿ ಮಾರುತ್ತಾರೆ. ಕೊಡೆಯೂ ಇಲ್ಲ, ಕಾಲೂ ಇಲ್ಲ. ಕೊಯ್ದಾಗ ಒಳಗೆ ಬೆಳ್ಳಗೆ ಗಟ್ಟಿಯಾಗಿದ್ದರೆ ಅಡುಗೆಗೆ, ಕಪ್ಪಗೆ ಪುಡಿಯಾಗಿದ್ದರೆ ತಿಪ್ಪೆಗೆ. ಕಾಡಿನ ಮರಗಳ ಬೇರಿನ ಜೊತೆ ಬೆಳೆಯುವ ಅಣಬೆ ಅದು, ಹಾಗಾಗಿ ಅದನ್ನೂ ಶೆಡ್ಡಿಗೆ ತರಲಾಗುವುದಿಲ್ಲ. ನನಗೆ ಕೊಂಡು ತಿಂದು ಗೊತ್ತೇ ಹೊರತು ಹುಡುಕಿ ಗೊತ್ತಿಲ್ಲ. ಎರಡು ಜಿಲ್ಲೆ ದಾಟಿದರೆ ನನ್ನ ವಿದ್ಯೆಯೂ ಅಷ್ಟೇ. ಹೊರದೇಶದಲ್ಲಿ ಇರುವವರಂತೂ ಇನ್ನೂ ಹುಷಾರಾಗಿರಬೇಕು. ಕ್ಯಾಲಿಫೋರ್ನಿಯಾದಲ್ಲಿ ಓಕ್ ಮರಗಳ ಕೆಳಗೆ ಚಳಿಗಾಲದ ಮಳೆಗೆ ಏಳುವ ಡೆತ್ ಕ್ಯಾಪ್ ಅನ್ನುವ ಕೊಲ್ಲುವ ಅಮಾನಿಟಾ, ಎಳೆಯದಿದ್ದಾಗ ಏಷ್ಯಾದಲ್ಲಿ ತಿನ್ನುವ ಹುಲ್ಲಣಬೆಯ ಮೊಟ್ಟೆಯಾಕಾರದ ಮೊಗ್ಗಿನ ಹಾಗೇ ಕಾಣುತ್ತದೆ. ನಮ್ಮೂರಲ್ಲಿ ತಿನ್ನುತ್ತಿದ್ದದ್ದೇ ಇದು ಅಂದುಕೊಂಡು ತಿಂದು ಸತ್ತ ವಲಸಿಗರಿದ್ದಾರೆ.

ಬೆಳೆಯುವ ಮಾತಿಗೆ ಬರೋಣ. ನಿಮಗೆ ನಾನು ಹೇಳುವುದು ಇದನ್ನೇ, ಮತ್ತು ಹೇಳಲು ಖುಷಿಯೂ ಇದೆ, ಯಾಕಂದರೆ ಆರು ವರ್ಷದಿಂದ ಹಳೇ ದನದ ಕೊಟ್ಟಿಗೆಯಲ್ಲಿ ನಾನು ಚಿಪ್ಪಣಬೆ (ಆಯ್ಸ್ಟರ್ ಅಣಬೆ) ಬೆಳೆಯುತ್ತಿದ್ದೇನೆ. ಬಟನ್ ಅಣಬೆಗೆ ಕೈ ಹಾಕಬೇಡಿ, ಅದಕ್ಕೆ ಕಾಂಪೋಸ್ಟ್, ಎಸಿ ಅಂತ ದೊಡ್ಡ ರಗಳೆ. ಚಿಪ್ಪಣಬೆಗೆ ಭತ್ತದ ಹುಲ್ಲು ಸಾಕು, ನಿಮ್ಮ ಕಡೆ ರಾಗಿ ಹುಲ್ಲೂ ಆಗುತ್ತದೆ. ಒಂದೆರಡು ಇಂಚಿಗೆ ಕತ್ತರಿಸಿ, ರಾತ್ರಿಯಿಡೀ ನೆನೆಹಾಕಿ. ಬೆಳಿಗ್ಗೆ ನೀರು ಬಸಿದು ಒಲೆಯ ಮೇಲೆ ಸುಮಾರು 80 ಡಿಗ್ರಿ ಬಿಸಿ ನೀರಿನಲ್ಲಿ ಒಂದು ಗಂಟೆ ಇಡಿ. ನನ್ನದು ಹಳೇ ಬಚ್ಚಲ ಹಂಡೆ.

ಮುಂದಿನದೇ ಎಲ್ಲರೂ ಎಡವುವ ಜಾಗ. ಹುಲ್ಲನ್ನು ನೆರಳಲ್ಲಿ ಹರಡಿ ಆರಿಸಬೇಕು. ಒಂದು ಹಿಡಿ ತೆಗೆದು ಗಟ್ಟಿಯಾಗಿ ಹಿಂಡಿ. ಅಂಗೈ ಒದ್ದೆಯಾಗಬೇಕು, ಹನಿ ತೊಟ್ಟಿಕ್ಕಬಾರದು. ಮೊದಲ ಸಲ ನನಗೆ ಅವಸರ, ಹನಿ ಬೀಳುತ್ತಿದ್ದ ಹುಲ್ಲನ್ನೇ ತುಂಬಿದೆ. ಹತ್ತು ಚೀಲದಲ್ಲಿ ಏಳಕ್ಕೆ ಹಸಿರು ಬೂಸ್ಟು ಹಿಡಿದು ಗೊಬ್ಬರದ ಗುಂಡಿಗೆ ಹೋದವು. ಅಣಬೆ ಬೀಜ ಅಂದರೆ ಬೇಯಿಸಿದ ಜೋಳದ ಕಾಳಿನ ಮೇಲೆ ಬೆಳೆಸಿದ ಬಿಳಿ ಎಳೆ. ಒಂದು ಕಿಲೋ ಒಣ ಹುಲ್ಲಿಗೆ 100 ಗ್ರಾಂ ಮೇಲೆ ಬೇಕು. ಪ್ಲಾಸ್ಟಿಕ್ ಚೀಲದಲ್ಲಿ ಒಂದು ಪದರ ಹುಲ್ಲು, ಅಂಚಿನಲ್ಲಿ ಒಂದು ಸುತ್ತು ಬೀಜ, ಮತ್ತೆ ಹುಲ್ಲು, ಹೀಗೆ ಒತ್ತಿ ತುಂಬಿ ಬಾಯಿ ಕಟ್ಟಿ, ಹತ್ತು ಹನ್ನೆರಡು ತೂತು ಮಾಡಿ ಕತ್ತಲ ಕೋಣೆಯಲ್ಲಿ ನೇತುಹಾಕಿ. 15ರಿಂದ 20 ದಿನದಲ್ಲಿ ಚೀಲ ಪೂರ್ತಿ ಬೆಳ್ಳಗಾಗುತ್ತದೆ. ಆಮೇಲೆ ಪ್ಲಾಸ್ಟಿಕ್ ಸೀಳಿ, ಸ್ವಲ್ಪ ಬೆಳಕು ಗಾಳಿ ಬಿಟ್ಟು, ದಿನಕ್ಕೆ ಎರಡು ಮೂರು ಸಲ ನೀರು ಚಿಮುಕಿಸಿ. ನಾಲ್ಕೈದು ದಿನಕ್ಕೆ ಸಾಸಿವೆ ಕಾಳಿನಷ್ಟು ಮೊಗ್ಗು ಕಾಣುತ್ತದೆ. ಇನ್ನು ಮೂರು ದಿನಕ್ಕೆ ಗೊಂಚಲು. ಅಂಚು ಮೇಲಕ್ಕೆ ಮಡಚುವ ಮೊದಲೇ, ನೀರು ಹಾಕುವ ಮೊದಲೇ ಕೊಯ್ಯಿರಿ. ಒಂದೇ ಚೀಲದಿಂದ ಬರುವ ಮೂರು ಬೆಳೆ ಸೇರಿ ಒಂದು ಕಿಲೋ ಒಣ ಹುಲ್ಲಿಗೆ ನನಗೆ 600–700 ಗ್ರಾಂ ಹಸಿ ಅಣಬೆ ಸಿಗುತ್ತದೆ. ಬೆಳೆಯುವ ಕೋಣೆಯಲ್ಲಿ ಮಲಗಬೇಡಿ. ಚಿಪ್ಪಣಬೆ ಉದುರಿಸುವ ಪುಡಿಗೆ ಕೆಲವರಿಗೆ ಕೆಮ್ಮು ಹಿಡಿಯುತ್ತದೆ, ನಾನು ಬಾಯಿಗೆ ಟವೆಲ್ ಕಟ್ಟಿಕೊಂಡೇ ಒಳಗೆ ಹೋಗುವುದು.

ಬೇಸಿಗೆಯಲ್ಲಿ ಚಿಪ್ಪಣಬೆ ಸೊರಗುತ್ತದೆ, ಆಗ ಹಾಲಣಬೆ (ಮಿಲ್ಕಿ ಅಣಬೆ) ಹಾಕಬಹುದು. ಅದಕ್ಕೆ 30–35 ಡಿಗ್ರಿ ಸೆಕೆ ಇಷ್ಟ. ಚೀಲದ ಮೇಲೆ ಮಣ್ಣು ಮುಚ್ಚುವ ಒಂದು ಕೆಲಸ ಜಾಸ್ತಿ, ಅಷ್ಟೇ. ಬೀಜ, ತರಬೇತಿ ಎರಡಕ್ಕೂ ಹೆಸರಘಟ್ಟದ ಭಾರತೀಯ ತೋಟಗಾರಿಕಾ ಸಂಶೋಧನಾ ಸಂಸ್ಥೆ ನಿಮಗೆ ಹತ್ತಿರ. ಬೀಜವೂ ಕೊಡ್ತೀವಿ, ಬೆಳೆದದ್ದೆಲ್ಲ ನಾವೇ ಕೊಳ್ತೀವಿ ಅಂತ ಮುಂಗಡ ಕೇಳುವವರಿಗೆ ದುಡ್ಡು ಕೊಡುವ ಮುಂಚೆ, ಅವರಿಗೆ ಮಾರಿದ ನಾಲ್ಕು ಜನರನ್ನು ಹುಡುಕಿ ಮಾತಾಡಿ.

ನೆಲದಿಂದ ಏಳುವ ಇಂಥ ಕೊಡೆ ಅಣಬೆಯಿಂದ ತೆಂಗಿನ ಮರಕ್ಕೆ ಸಾಮಾನ್ಯವಾಗಿ ತೊಂದರೆ ಇಲ್ಲ, ಸತ್ತ ಬೇರು, ಕಸ ತಿಂದುಕೊಂಡು ಇರುತ್ತದೆ. ಚಿಕ್ಕ ಮಕ್ಕಳೋ ನಾಯಿಯೋ ಇದ್ದರೆ ಮಾತ್ರ ಕಿತ್ತು ಬಿಸಾಡಿ ಕೈ ತೊಳೆದುಕೊಳ್ಳಿ. ಕುತೂಹಲ ಇದ್ದರೆ ಬಿಸಾಡುವ ಮೊದಲು ಒಂದು ಕೊಡೆಯನ್ನು ರಾತ್ರಿ ಬಿಳಿ ಕಾಗದದ ಮೇಲಿಟ್ಟು ಮುಚ್ಚಿ, ಬೆಳಿಗ್ಗೆ ಯಾವ ಬಣ್ಣ ಬಿತ್ತು ಅಂತ ಇಲ್ಲೇ ಬರೆಯಿರಿ. ಹಸಿರು ಬಿದ್ದರೆ ನನ್ನ ಅನುಮಾನ ಸರಿ. ಬೇರೆ ಬಣ್ಣ ಬಿದ್ದರೂ ತಿನ್ನೋದು ಬೇಡ.