ಹಳೇ ಧಾರಾವಾಹಿ ಎಲ್ಲಿ ಸಿಗುತ್ತದೆ? ಮೊದಲು ಅದು ಯಾರದ್ದು ಅಂತ ತಿಳಿಯಿರಿ

ಈ ಸಲ ಬಂದ ಪತ್ರಗಳಲ್ಲಿ ಹೆಚ್ಚಿನವು ಹಳೇ ಧಾರಾವಾಹಿಗಳ ಬಗ್ಗೆಯೇ ಇದ್ದವು. ಎಡಿಟಿಂಗ್ ರೂಮಿನಲ್ಲಿ ವರ್ಷಗಟ್ಟಲೆ ಕ್ಯಾಸೆಟ್‌ಗಳ ಮಧ್ಯೆ ಕೂತವನಾದ್ದರಿಂದ ಈ ಪತ್ರಗಳನ್ನು ಓದಿ ನನಗೆ ತುಂಬಾ ಖುಷಿಯಾಯಿತು. ನಾಲ್ಕಕ್ಕೆ ಇಲ್ಲಿ ಉತ್ತರಿಸಿದ್ದೇನೆ.

ಪ್ರಶ್ನೆ: ನಮ್ಮಮ್ಮನಿಗೆ 74 ವರ್ಷ. ಮಂಡಿ ಆಪರೇಷನ್ ಆಗಿ ಮನೆಯಲ್ಲೇ ಇದ್ದಾರೆ. ‘ಮಾಯಾಮೃಗ’ವನ್ನು ಮೊದಲಿಂದ ಮತ್ತೆ ನೋಡಬೇಕು ಅನ್ನುತ್ತಿದ್ದಾರೆ. ಯೂಟ್ಯೂಬಿನಲ್ಲಿ ಹುಡುಕಿದರೆ ತುಂಡು ತುಂಡಾಗಿ ಸಿಗುತ್ತದೆ. ಒಂದು ಕಂತು ಇದ್ದರೆ ಮುಂದಿನದು ಇಲ್ಲ. ಕೆಲವದರಲ್ಲಿ ದನಿ ಕೀಚಲು ಕೀಚಲಾಗಿದೆ. ‘ಮುಕ್ತ’ ಕೂಡ ಬೇಕಂತೆ. ಎಲ್ಲಿ ಹುಡುಕಲಿ? – ಓದುಗರು, ಶಿರಸಿ

ಉತ್ತರ: ಅಮ್ಮನಿಗೆ ಮೊದಲು ಸಿಹಿ ಸುದ್ದಿ ಹೇಳಿ. ‘ಮಾಯಾಮೃಗ’ವನ್ನು ಟಿ.ಎನ್. ಸೀತಾರಾಂ ಅವರ ಬಳಗದ ‘ಭೂಮಿಕಾ ಟಾಕೀಸ್’ ಎಂಬ ಯೂಟ್ಯೂಬ್ ಚಾನೆಲ್ಲಿನಲ್ಲೇ ಹಾಕಿದ್ದಾರೆ. ನಿಮಗೆ ಸಿಕ್ಕಿರುವ ತುಂಡುಗಳು ಬೇರೆಯವರು ಹಾಕಿದ್ದಿರಬೇಕು. ಅವನ್ನು ಬಿಟ್ಟು ಸೀದಾ ಆ ಚಾನೆಲ್ಲಿಗೆ ಹೋಗಿ, ‘ಪ್ಲೇಲಿಸ್ಟ್’ ಅನ್ನುವ ಜಾಗ ಒತ್ತಿ. ಕಂತುಗಳು ಒಂದರ ಹಿಂದೆ ಒಂದು ಸಾಲಾಗಿ ಇರುವ ಕಡೆ ಅದು. ಬಿಡಿಬಿಡಿಯಾಗಿ ಹುಡುಕುತ್ತಾ ಕೂತರೆ ಯೂಟ್ಯೂಬ್ ತನಗೆ ತೋಚಿದ್ದನ್ನೆಲ್ಲ ಮುಂದಿಡುತ್ತದೆ.

ಈಗ ಹುಡುಕುವ ದಾರಿ ಹೇಳುತ್ತೇನೆ. ಇದು ಗೊತ್ತಿದ್ದರೆ ಮುಂದೆ ಯಾವ ಧಾರಾವಾಹಿಗೂ ನೀವು ಯಾರನ್ನೂ ಕೇಳಬೇಕಿಲ್ಲ. ಎಲ್ಲರೂ ಮೊದಲು ಕೇಳುವುದು ‘ಯಾವ ಆಪ್‌ನಲ್ಲಿದೆ?’ ಅಂತ. ಅದಕ್ಕಿಂತ ಮೊದಲು ಕೇಳಬೇಕಾದ್ದು ‘ಇದರ ಹಕ್ಕು ಯಾರ ಹತ್ತಿರ ಇದೆ?’ ಅಂತ. ‘ಮಾಯಾಮೃಗ’ 1998ರಲ್ಲಿ ಬೆಂಗಳೂರು ದೂರದರ್ಶನದಲ್ಲಿ ಬಂತು. ಸೀತಾರಾಂ, ಪಿ. ಶೇಷಾದ್ರಿ, ನಾಗೇಂದ್ರ ಶಾ ಮೂವರೂ ಸೇರಿ ನಿರ್ದೇಶಿಸಿದ್ದರು. ಆ ಕಾಲದಲ್ಲಿ ದೂರದರ್ಶನದ ಎಷ್ಟೋ ಧಾರಾವಾಹಿಗಳು ‘ಪ್ರಾಯೋಜಿತ’ ಆಗಿದ್ದವು. ಅಂದರೆ ನಿರ್ಮಾಪಕರೇ ದುಡ್ಡು ಹಾಕಿ ತೆಗೆಯುತ್ತಿದ್ದರು, ಪ್ರಸಾರದ ಸಮಯಕ್ಕೆ ಶುಲ್ಕ ಕಟ್ಟುತ್ತಿದ್ದರು, ಜಾಹೀರಾತಿನಿಂದ ಹಣ ವಾಪಸ್ ಪಡೆಯುತ್ತಿದ್ದರು. ಇಂಥವುಗಳ ಕ್ಯಾಸೆಟ್ಟೂ ಹಕ್ಕೂ ನಿರ್ಮಾಪಕರ ಹತ್ತಿರವೇ ಉಳಿಯುವ ಸಾಧ್ಯತೆ ಜಾಸ್ತಿ. ಇನ್ನು ಕೆಲವಕ್ಕೆ ದೂರದರ್ಶನವೇ ದುಡ್ಡು ಕೊಟ್ಟು ಮಾಡಿಸುತ್ತಿತ್ತು. ಅಂಥವನ್ನು ದೂರದರ್ಶನ ನಡೆಸುವ ಸಂಸ್ಥೆಯಾದ ಪ್ರಸಾರ ಭಾರತಿಯ ಕಡೆ ಹುಡುಕಬೇಕು. ಡಿಡಿ ಚಂದನದ ಯೂಟ್ಯೂಬ್ ಚಾನೆಲ್, ಪ್ರಸಾರ ಭಾರತಿ ಆರ್ಕೈವ್ಸ್, 2024ರ ನವೆಂಬರಿನಲ್ಲಿ ಶುರುವಾದ ‘ವೇವ್ಸ್’ ಆಪ್, ಈ ಮೂರನ್ನೂ ನೋಡಿ.

‘ಮುಕ್ತ’ದ ಕಥೆ ಬೇರೆ. ಅದೂ ಸೀತಾರಾಂ ಅವರದ್ದೇ, ಆದರೆ ಬಂದಿದ್ದು ಈಟಿವಿ ಕನ್ನಡದಲ್ಲಿ. ಆ ವಾಹಿನಿ ಶುರುವಾಗಿದ್ದು 2000ದ ಕೊನೆಯಲ್ಲಿ. 2015ರಲ್ಲಿ ಅದು ಕಲರ್ಸ್ ಕನ್ನಡ ಆಯಿತು. ಅವರ ಕಾರ್ಯಕ್ರಮಗಳು ಮೊದಲು ವೂಟ್ ಆಪ್‌ನಲ್ಲಿದ್ದವು. 2023ರಲ್ಲಿ ವೂಟ್ ಹೋಗಿ ಜಿಯೋಸಿನಿಮಾದೊಳಗೆ ಸೇರಿತು. 2025ರ ಫೆಬ್ರವರಿಯಲ್ಲಿ ಜಿಯೋಸಿನಿಮಾವೂ ಹಾಟ್‌ಸ್ಟಾರೂ ಒಂದಾಗಿ ಜಿಯೋಹಾಟ್‌ಸ್ಟಾರ್ ಆಯಿತು. ಇಷ್ಟು ಸಲ ಮನೆ ಬದಲಾಯಿಸಿದರೆ ಒಂದಷ್ಟು ಸಾಮಾನು ಹಿಂದೆ ಉಳಿಯುತ್ತದೆ, ಅಲ್ವಾ? ಹೋದ ವರ್ಷ ಇದ್ದ ಧಾರಾವಾಹಿ ಈ ವರ್ಷ ಕಾಣದಿದ್ದರೆ ಇಂಥದ್ದೇ ಕಾರಣ ಇರಬಹುದು. ಹಾಗಾಗಿ ‘ಮುಕ್ತ’ವನ್ನು ಜಿಯೋಹಾಟ್‌ಸ್ಟಾರಿನಲ್ಲೂ ಹುಡುಕಿ, ಸೀತಾರಾಂ ಬಳಗದ ಚಾನೆಲ್ಲಿನಲ್ಲೂ ಹುಡುಕಿ. ಉದಯ ಟಿವಿಯದ್ದಾದರೆ ಸನ್ ನೆಕ್ಸ್ಟ್, ಜೀ ಕನ್ನಡದ್ದಾದರೆ ಜೀ5, ಸುವರ್ಣದ್ದಾದರೆ ಮತ್ತೆ ಜಿಯೋಹಾಟ್‌ಸ್ಟಾರ್.

ಒಂದು ಎಚ್ಚರಿಕೆ. ‘ಮುಕ್ತ’ ಬೇರೆ, ‘ಮುಕ್ತ ಮುಕ್ತ’ ಬೇರೆ. ‘ಮಾಯಾಮೃಗ’ ಬೇರೆ, 2022ರಲ್ಲಿ ಸಿರಿ ಕನ್ನಡದಲ್ಲಿ ಶುರುವಾದ ‘ಮತ್ತೆ ಮಾಯಾಮೃಗ’ ಬೇರೆ. ಹುಡುಕುವಾಗ ಎರಡೂ ಕಲಸಿಕೊಂಡು ಬರುತ್ತವೆ.

ಹೆಸರನ್ನು ಮೊದಲು ಕನ್ನಡದಲ್ಲೇ ಟೈಪ್ ಮಾಡಿ. ಸಿಗದಿದ್ದರೆ ಮಾತ್ರ ಇಂಗ್ಲಿಷ್. ಅಲ್ಲಿ ಒಂದೊಂದು ಅಕ್ಷರವೂ ಕಾಟ ಕೊಡುತ್ತದೆ. ‘ಮೃ’ ಬರೆಯಲು ಒಬ್ಬರು ಕೊನೆಯಲ್ಲಿ ‘ಯು’ ಹಾಕುತ್ತಾರೆ, ಇನ್ನೊಬ್ಬರು ‘ಐ’ ಹಾಕುತ್ತಾರೆ. ‘ತ’ಕ್ಕೆ ಒಬ್ಬರು ಬರೀ ‘ಟಿ’, ಇನ್ನೊಬ್ಬರು ‘ಟಿ’ ಜೊತೆ ‘ಎಚ್’. ಎಲ್ಲ ಥರದಲ್ಲೂ ಬರೆದು ನೋಡಿ. ಧಾರಾವಾಹಿಯ ಹೆಸರೇ ಮರೆತಿದ್ದರೆ ಶೀರ್ಷಿಕೆ ಗೀತೆಯ ಮೊದಲ ಸಾಲು ಹಾಕಿ. ‘ಮಾಯಾಮೃಗ’ಕ್ಕೂ ‘ಮುಕ್ತ’ಕ್ಕೂ ಹಾಡು ಬರೆದವರು ಎಚ್.ಎಸ್. ವೆಂಕಟೇಶಮೂರ್ತಿ. ಕಥೆ ಮರೆತವರಿಗೂ ಆ ಹಾಡುಗಳು ಬಾಯಿಗೆ ಬರುತ್ತವೆ.

ದನಿ ಕೀಚಲಾಗಿದ್ದು ಯಾಕೆ ಅಂದರೆ, ಬೇರೆಯವರ ವಿಡಿಯೊ ಹಾಕುವವರು ಯೂಟ್ಯೂಬಿನ ಕಣ್ಣು ತಪ್ಪಿಸಲು ವೇಗವನ್ನು ಸ್ವಲ್ಪ ಏರಿಸುತ್ತಾರೆ, ಇಲ್ಲವೇ ಚಿತ್ರವನ್ನು ಕನ್ನಡಿಯಲ್ಲಿ ಕಂಡಂತೆ ಎಡಬಲ ತಿರುಗಿಸುತ್ತಾರೆ. ಗುರುತು ಹಿಡಿಯುವುದು ಸುಲಭ. ಗೋಡೆಯ ಕ್ಯಾಲೆಂಡರ್ ನೋಡಿ, ಅಂಕಿ ತಿರುಗಿರುತ್ತದೆ. ಊಟದ ದೃಶ್ಯ ನೋಡಿ, ಇಡೀ ಮನೆಯವರು ಎಡಗೈಯಲ್ಲಿ ಅನ್ನ ಕಲಸುತ್ತಿರುತ್ತಾರೆ. ಅಂಥ ಚಾನೆಲ್ ಇವತ್ತು ಇದ್ದು ನಾಳೆ ಮಾಯವಾಗುತ್ತದೆ. ಅಮ್ಮ 60ನೇ ಕಂತಿಗೆ ಬಂದಾಗ ಅದು ಹೋದರೆ ಅವರಿಗೆ ಎಷ್ಟು ಬೇಜಾರಾಗಬಹುದು ಯೋಚಿಸಿ.

ಇನ್ನೊಂದು ಮಾತು, ಅಮ್ಮನಿಗಾಗಿ. ಆ ಕಾಲದ ಟಿವಿ ಪರದೆ ಅಗಲ 4 ಇದ್ದರೆ ಎತ್ತರ 3 ಇರುತ್ತಿತ್ತು. ಈಗಿನ ಅಗಲ ಟಿವಿಯಲ್ಲಿ ಎಳೆದು ತುಂಬಿಸಿದರೆ ಎಲ್ಲರ ಮುಖವೂ ಊದಿಕೊಂಡಂತೆ ಕಾಣುತ್ತದೆ. ರಿಮೋಟಿನಲ್ಲಿ ‘ಪಿಕ್ಚರ್ ಸೈಜ್’ಗೆ ಹೋಗಿ 4:3 ಇಡಿ. ಎಡಬಲದಲ್ಲಿ ಕಪ್ಪು ಪಟ್ಟಿ ಬರುತ್ತದೆ, ಬರಲಿ. ಮುಖಗಳು ಅಮ್ಮನಿಗೆ ನೆನಪಿರುವ ಹಾಗೇ ಕಾಣುತ್ತವೆ.

ಪ್ರಶ್ನೆ: ನಾವು ಅಮೆರಿಕದ ಡಲ್ಲಾಸಿನಲ್ಲಿದ್ದೇವೆ. ಮಕ್ಕಳಿಗೆ ‘ಮಾಲ್ಗುಡಿ ಡೇಸ್’ ತೋರಿಸುವ ಆಸೆ. ಊರಿನಲ್ಲಿ ತಂಗಿಗೆ ಸಿಗುವುದು ಇಲ್ಲಿ ನಮಗೆ ಸಿಗುತ್ತಿಲ್ಲ. ವಿಪಿಎನ್ ಹಾಕಬಹುದಾ? ಕನ್ನಡದಲ್ಲಿ ಸಿಗುತ್ತದಾ?

ಉತ್ತರ: ಒಂದೇ ಧಾರಾವಾಹಿಯ ಹಕ್ಕನ್ನು ದೇಶ ದೇಶಕ್ಕೆ ಬೇರೆಬೇರೆಯಾಗಿ ಮಾರುತ್ತಾರೆ. ಹಾಗಾಗಿ ಭಾರತದಲ್ಲಿ ಒಂದು ಆಪ್‌ನಲ್ಲಿರುವುದು ಅಮೆರಿಕದಲ್ಲಿ ಬೇರೆ ಆಪ್‌ನಲ್ಲಿರಬಹುದು, ಎಲ್ಲೂ ಇಲ್ಲದೆಯೂ ಇರಬಹುದು. ‘ಜಸ್ಟ್‌ವಾಚ್’ ಎಂಬ ವೆಬ್‌ಸೈಟ್ ಇದೆ. ದೇಶ ಆರಿಸಿ ಹೆಸರು ಹಾಕಿದರೆ ಯಾವ ಆಪ್‌ನಲ್ಲಿದೆ ಅಂತ ಅದು ತೋರಿಸುತ್ತದೆ. ದೊಡ್ಡ ಆಪ್‌ಗಳ ಮಟ್ಟಿಗೆ ಅದು ಚೆನ್ನಾಗಿದೆ. ಯೂಟ್ಯೂಬಿನಲ್ಲಿ ನಿರ್ಮಾಪಕರೇ ಹಾಕಿದ್ದನ್ನು ಮಾತ್ರ ನೀವೇ ಹುಡುಕಬೇಕು. ವಿಪಿಎನ್, ಅಂದರೆ ನೀವು ಬೇರೆ ದೇಶದಲ್ಲಿರುವಂತೆ ಇಂಟರ್‌ನೆಟ್ಟಿಗೆ ತೋರಿಸುವ ಉಪಾಯ, ಬೇಡ. ಹೆಚ್ಚಿನ ಆಪ್‌ಗಳ ನಿಯಮಕ್ಕೆ ಅದು ವಿರುದ್ಧ. ದುಡ್ಡು ಕಟ್ಟಿದ ಮೇಲೆ ಖಾತೆಯೇ ನಿಂತರೆ ಯಾರನ್ನೂ ಕೇಳುವ ಹಾಗಿಲ್ಲ.

ಭಾಷೆಯ ಬಗ್ಗೆ ಹೇಳುತ್ತೇನೆ, ಇಲ್ಲಿ ತುಂಬಾ ಜನ ಎಡವುತ್ತಾರೆ. ತೆಗೆದಿದ್ದು ನಮ್ಮ ಆಗುಂಬೆಯಲ್ಲಿ, ನಿರ್ದೇಶಿಸಿದ್ದು ನಮ್ಮ ಶಂಕರ್ ನಾಗ್, ಸ್ವಾಮಿಯಾಗಿದ್ದು ನಮ್ಮ ಮಾಸ್ಟರ್ ಮಂಜುನಾಥ್. ಆದರೂ 1986ರಲ್ಲಿ ಅದು ದೂರದರ್ಶನಕ್ಕೆ ಬಂದಿದ್ದು ಹಿಂದಿಯಲ್ಲಿ. ಮೊದಲ 13 ಕಂತುಗಳನ್ನು ಇಂಗ್ಲಿಷಿನಲ್ಲೂ ತೆಗೆದಿದ್ದರು. ಡಲ್ಲಾಸಿನ ಮಕ್ಕಳಿಗೆ ಅವು ಸುಲಭವಾಗಬಹುದು. ಕನ್ನಡದ ಡಬ್ಬಿಂಗ್ ತುಂಬಾ ತಡವಾಗಿ ಬಂತು. 2020ರ ಲಾಕ್‌ಡೌನ್ ಹೊತ್ತಿನಲ್ಲಿ ಜೀ ಕನ್ನಡ ಅದನ್ನು ಪ್ರಸಾರ ಮಾಡಿತು. ಹಾಗಾಗಿ ಕನ್ನಡದ್ದು ಬೇಕಿದ್ದರೆ ಜೀ5ರಿಂದ ಹುಡುಕಲು ಶುರು ಮಾಡಿ. 2006ರಲ್ಲಿ ಕವಿತಾ ಲಂಕೇಶ್ ಇನ್ನಷ್ಟು ಕಂತು ನಿರ್ದೇಶಿಸಿದರು. ಕೆಲವು ಕಡೆ ಎರಡನ್ನೂ ಸೇರಿಸಿ ಇಟ್ಟಿರುತ್ತಾರೆ. ಶಂಕರ್ ನಾಗ್ ತೆಗೆದದ್ದೇ ಬೇಕಿದ್ದರೆ ಸ್ವಾಮಿಯ ಕಂತುಗಳಿಂದ ಶುರು ಮಾಡಿ.

ವರ್ಷದ ಚಂದಾ ಮೊದಲೇ ಕಟ್ಟಬೇಡಿ. ಲಾಗಿನ್ ಆಗದೆಯೇ ಹುಡುಕಿ, ಕಂತಿನ ಪಟ್ಟಿ ಪೂರ್ತಿ ಇದೆಯಾ ನೋಡಿ, ಇದ್ದರೆ ಒಂದು ತಿಂಗಳಿಗೆ ಮಾತ್ರ ಕಟ್ಟಿ. ಮತ್ತೆ ಊರಿಗೆ ಬಂದಾಗ ಮಕ್ಕಳನ್ನು ಶಿವಮೊಗ್ಗ ಜಿಲ್ಲೆಯ ಅರಸಾಳು ರೈಲು ನಿಲ್ದಾಣಕ್ಕೆ ಕರೆದುಕೊಂಡು ಹೋಗಿ. ಅಲ್ಲಿನ ಹಳೇ ಕಟ್ಟಡವನ್ನು ರೈಲ್ವೆಯವರು ಮಾಲ್ಗುಡಿ ಮ್ಯೂಸಿಯಂ ಮಾಡಿದ್ದಾರೆ. ಧಾರಾವಾಹಿ ನೋಡಿದ ಮಕ್ಕಳಿಗೆ ಆ ಜಾಗ ಖಂಡಿತ ಇಷ್ಟವಾಗುತ್ತದೆ.

ಪ್ರಶ್ನೆ: ವಾಟ್ಸಾಪ್ ಗುಂಪಿನಲ್ಲಿ ಒಬ್ಬರು ‘ಎಲ್ಲಾ ಹಳೇ ಸೀರಿಯಲ್ ಉಚಿತ’ ಅಂತ ಒಂದು ಎಪಿಕೆ ಫೈಲ್ ಕಳಿಸಿದ್ದಾರೆ. ಹಾಕಿಕೊಳ್ಳಬಹುದಾ? – ಓದುಗರು, ದಾವಣಗೆರೆ

ಉತ್ತರ: ಬೇಡ. ಎಪಿಕೆ ಅಂದರೆ ಆಂಡ್ರಾಯ್ಡ್ ಫೋನಿಗೆ ಆಪ್ ಹಾಕುವ ಫೈಲ್. ಫೋನಿಗೆ ಸಂದೇಶದಲ್ಲಿ ಬಂದದ್ದು ಯಾವುದೇ ಇರಲಿ, ಹಾಕಬೇಡಿ. ಇಂಥವು ಎಷ್ಟೋ ಸಲ ಎಸ್ಸೆಮ್ಮೆಸ್ ಓದಲು ಅನುಮತಿ ಕೇಳುತ್ತವೆ. ಕೊಟ್ಟರೆ ಬ್ಯಾಂಕಿನ ಒಟಿಪಿ ಓದಲು ದಾರಿ ಬಿಟ್ಟಂತೆ. ಈಗಾಗಲೇ ಹಾಕಿದ್ದರೆ ಇಂಟರ್‌ನೆಟ್ ಆಫ್ ಮಾಡಿ, ಆಪ್ ತೆಗೆಯಿರಿ, ಬೇರೆ ಫೋನಿನಿಂದ ಬ್ಯಾಂಕಿಗೆ ತಿಳಿಸಿ. ದುಡ್ಡು ಹೋಗಿದ್ದರೆ ತಡ ಮಾಡದೆ ಸೈಬರ್ ವಂಚನೆಯ ಸಹಾಯವಾಣಿ 1930ಕ್ಕೆ ಕರೆ ಮಾಡಿ.

ಪ್ರಶ್ನೆ: ತೀರಿಕೊಂಡ ನಮ್ಮ ತಂದೆ ತೊಂಬತ್ತರ ದಶಕದಲ್ಲಿ ಚಂದನದ ಧಾರಾವಾಹಿಗಳನ್ನು ವಿಸಿಆರ್‌ನಲ್ಲಿ ರೆಕಾರ್ಡ್ ಮಾಡುತ್ತಿದ್ದರು. ಅಟ್ಟದ ಮೇಲೆ 11 ಕ್ಯಾಸೆಟ್ ಸಿಕ್ಕಿವೆ. ಇವುಗಳಲ್ಲಿ ಕೆಲವು ಆನ್‌ಲೈನ್‌ನಲ್ಲಿ ಎಲ್ಲೂ ಇಲ್ಲ. ನಾನೇ ಯೂಟ್ಯೂಬಿಗೆ ಹಾಕಲಾ? – ಓದುಗರು, ಮಂಗಳೂರು

ಉತ್ತರ: ದಯವಿಟ್ಟು ಆ ಕ್ಯಾಸೆಟ್‌ಗಳನ್ನು ಈಗಲೇ ಹಾಕಿ ನೋಡಬೇಡಿ. ನಿಮ್ಮ ಪತ್ರ ಓದಿದ ಕೂಡಲೇ ಫೋನ್ ಮಾಡಿ ಹೇಳೋಣ ಅನ್ನಿಸಿತು.

ಆನ್‌ಲೈನ್‌ನಲ್ಲಿ ಎಲ್ಲೂ ಇಲ್ಲದ್ದು ನಿಮ್ಮ ಅಟ್ಟದಲ್ಲಿರುವುದು ದೊಡ್ಡ ವಿಷಯ. ಕ್ಯಾಸೆಟ್ ದುಬಾರಿಯಾಗಿದ್ದ ಕಾಲದಲ್ಲಿ ಹಳೆಯದರ ಮೇಲೆಯೇ ಹೊಸದನ್ನು ರೆಕಾರ್ಡ್ ಮಾಡುವ ರೂಢಿ ಟಿವಿ ಲೋಕದಲ್ಲಿ ಎಲ್ಲ ಕಡೆಯೂ ಇತ್ತು. ಹಾಗೆ ಅಳಿಸಿಹೋದ ಕಂತು ಮತ್ತೆ ಸಿಗುವುದಿದ್ದರೆ ನಿಮ್ಮ ತಂದೆಯಂಥವರ ಮನೆಯಲ್ಲೇ ಸಿಗಬೇಕು.

ಆದರೆ ಮಂಗಳೂರಿನ ಹವೆ ಕ್ಯಾಸೆಟ್ಟಿಗೆ ಒಳ್ಳೆಯದಲ್ಲ. ಒಂದನ್ನು ಕೈಗೆ ತೆಗೆದುಕೊಂಡು ಬೆಳಕಿಗೆ ಹಿಡಿಯಿರಿ. ಮುಂದಿನ ಚಿಕ್ಕ ಗಾಜಿನಂಥ ಕಿಂಡಿಯಲ್ಲಿ ಟೇಪಿನ ಸುರುಳಿ ಕಾಣುತ್ತದೆ. ಅದು ನುಣುಪಾಗಿ ಕಪ್ಪಗೆ ಹೊಳೆಯಬೇಕು. ಸುರುಳಿಯ ಅಂಚಿನಲ್ಲಿ ಹಿಟ್ಟು ಉದುರಿಸಿದಂತೆ ಬಿಳಿ ಚುಕ್ಕೆಗಳಿದ್ದರೆ ಅದು ಬೂಷ್ಟು. ಹಾಗೇ ವಿಸಿಆರ್‌ಗೆ ತಳ್ಳಿದರೆ ಬೂಷ್ಟು ಯಂತ್ರದ ಹೆಡ್ಡಿಗೆ (ಟೇಪ್ ಓದುವ ಭಾಗಕ್ಕೆ) ಅಂಟುತ್ತದೆ, ಟೇಪ್ ಹರಿಯಬಹುದು, ಆಮೇಲೆ ಹಾಕುವ ಪ್ರತಿ ಕ್ಯಾಸೆಟ್ಟಿಗೂ ಹರಡುತ್ತದೆ. ನನ್ನ ಅಕ್ಕನ ಮದುವೆಯ ಕ್ಯಾಸೆಟ್ ಹೀಗೇ ಹೋಯಿತು. ನಾನು ಅವಸರದಲ್ಲಿ ಒಂದು ಅಂಗಡಿಗೆ ಕೊಟ್ಟೆ. ಅವರು ಶುಚಿ ಮಾಡದೆ ಹಾಕಿದರು. ಧಾರೆಯ ಹೊತ್ತಿನ ಹತ್ತು ನಿಮಿಷ ಟೇಪ್ ಸುಕ್ಕಾಗಿ ಹಾಳಾಯಿತು. ಅಕ್ಕನ ಮುಖ ನೋಡುವುದು ಈಗಲೂ ನನಗೆ ಕಷ್ಟ.

ಅದಕ್ಕೇ ಹೇಳುತ್ತೇನೆ. ಬೂಷ್ಟು ಇರುವ ಕ್ಯಾಸೆಟ್‌ಗಳನ್ನು ಬೇರೆ ಡಬ್ಬಿಗೆ ಹಾಕಿ, ಒಣ ಜಾಗದಲ್ಲಿ ನಿಲ್ಲಿಸಿ ಇಡಿ. ಬಿಸಿಲಿಗೆ ಇಡಬೇಡಿ. ಅಂಗಡಿಗೆ ಹೋದಾಗ ‘ಮೊದಲು ಶುಚಿ ಮಾಡುತ್ತೀರಾ, ಹೇಗೆ ಮಾಡುತ್ತೀರಿ?’ ಅಂತ ಕೇಳಿ. ಉತ್ತರ ಸರಿಯಾಗಿ ಬರದಿದ್ದರೆ ಎದ್ದು ಬನ್ನಿ. ಮೊದಲ ಸಲ 11ನ್ನೂ ಕೊಡಬೇಡಿ. ನಿಮಗೆ ಅಷ್ಟು ಮುಖ್ಯವಲ್ಲದ ಒಂದನ್ನು ಕೊಟ್ಟು ಕೆಲಸ ನೋಡಿ. ಡಿವಿಡಿ ಬೇಡ, ಪೆನ್‌ಡ್ರೈವಿನಲ್ಲಿ ಫೈಲ್ ಕೊಡಿ ಅನ್ನಿ. ಚಿತ್ರವನ್ನು ಅಗಲಕ್ಕೆ ಎಳೆಯಬೇಡಿ, ಇದ್ದ ಹಾಗೇ 4:3ರಲ್ಲಿರಲಿ ಅಂತ ಬರೆದುಕೊಡಿ. ಜಾಹೀರಾತುಗಳನ್ನೂ ಕತ್ತರಿಸುವುದು ಬೇಡ. ಯಾವ ಕಾಲದ್ದು ಅಂತ ಗುರುತಿಸಲು ಅವೇ ನೆರವಾಗುತ್ತವೆ. ತುಂಬಾ ಮುಂದೂಡಲೂಬೇಡಿ. ವಿಸಿಆರ್ ತಯಾರಿಸುತ್ತಿದ್ದ ಕೊನೆಯ ಕಂಪನಿ, ಜಪಾನಿನ ಫುನೈ, 2016ರಲ್ಲೇ ಅದನ್ನು ನಿಲ್ಲಿಸಿತು. ಸರಿಯಾಗಿ ಓಡುವ ಯಂತ್ರಗಳು ವರ್ಷದಿಂದ ವರ್ಷಕ್ಕೆ ಕಡಿಮೆಯಾಗುತ್ತಿವೆ. ಫೈಲ್ ಸಿಕ್ಕಿತೆಂದು ಕ್ಯಾಸೆಟ್ ಎಸೆಯಬೇಡಿ.

ಯೂಟ್ಯೂಬಿಗೆ ಹಾಕುವ ಬಗ್ಗೆ: ಈಗ ಬೇಡ. 1957ರ ಕೃತಿಸ್ವಾಮ್ಯ ಕಾಯ್ದೆಯಲ್ಲಿ ಸಿನಿಮಾಗೆ ಇರುವ ಹಾಗೇ ಧಾರಾವಾಹಿಗೂ ಪ್ರಕಟವಾದ ಮೇಲೆ 60 ವರ್ಷ ಹಕ್ಕು ಇರುತ್ತದೆ. ಮನೆಮಂದಿ ಕೂತು ನೋಡುವುದು ಬೇರೆ, ಊರಿಗೆಲ್ಲ ಹಂಚುವುದು ಬೇರೆ. ನನಗೆ ಕಾನೂನಿಗಿಂತ ಮುಖ್ಯವಾದ ಇನ್ನೊಂದು ಕಾರಣವೂ ಇದೆ. ನಿಮ್ಮ ಪ್ರತಿ ಸಿಕ್ಕರೆ ನಿರ್ಮಾಪಕರು ತಮ್ಮಲ್ಲಿರುವ ಉಳಿದ ಕಂತುಗಳ ಜೊತೆ ಸೇರಿಸಿ ಪೂರ್ತಿ ಧಾರಾವಾಹಿಯನ್ನು ಹೊರತರಬಹುದು. ನೀವು ಬಿಡಿಯಾಗಿ ಎರಡು ಕಂತು ಹಾಕಿದರೆ ಶಿರಸಿಯ ಆ ಅಮ್ಮನಿಗೆ ಆದ ಹಾಗೇ ಇನ್ನೊಬ್ಬರಿಗೆ ತುಂಡುಗಳೇ ಸಿಗುತ್ತವೆ.

ಫೈಲ್ ಕೈಗೆ ಬಂದ ಮೇಲೆ ಕಂತಿನ ಕೊನೆಗೆ ಹೋಗಿ. ಹೆಸರುಗಳು ಮೇಲಕ್ಕೆ ಉರುಳುವಾಗ ನಿಲ್ಲಿಸಿ, ನಿರ್ಮಾಪಕರ ಮತ್ತು ಸಂಸ್ಥೆಯ ಹೆಸರು ಬರೆದುಕೊಳ್ಳಿ. ಅವರಿಗೊಂದು ಕಾಗದ ಬರೆಯಿರಿ. ಅವರು ಸಿಗದಿದ್ದರೆ ಬೆಂಗಳೂರು ದೂರದರ್ಶನ ಕೇಂದ್ರಕ್ಕೆ ಬರೆಯಿರಿ. ಜೊತೆಗೆ ಕ್ಯಾಸೆಟ್ಟಿನ ಬೆನ್ನಿಗೆ ಅಂಟಿಸಿದ ಚೀಟಿಯ ಫೋಟೊ ಕಳಿಸಿ. ನಿಮ್ಮ ತಂದೆ ಅದರ ಮೇಲೆ ದಿನಾಂಕ ಬರೆದಿಟ್ಟಿದ್ದರೆ, ಅದು ಎಷ್ಟನೇ ಕಂತು ಅಂತ ಅವರು ಅದರಿಂದಲೇ ಹಿಡಿಯುತ್ತಾರೆ.