ಡಾಡ್ಜರ್ಸ್ ಗೆದ್ದ ವರ್ಷ: ಓದುಗರ ಪ್ರಶ್ನೆ, ಡ್ರಿಲ್ ಮಾಸ್ಟ್ರ ಉತ್ತರ

ಈ ಸಲ ಬಂದ ಕಾಗದಗಳಲ್ಲಿ ಹೆಚ್ಚಿನವು ಒಂದೇ ತಂಡದ ಬಗ್ಗೆ. ಅಮೆರಿಕದ ಬೇಸ್‌ಬಾಲ್ ತಂಡ ಲಾಸ್ ಏಂಜಲೀಸ್ ಡಾಡ್ಜರ್ಸ್, ಅವರ 2024ರ ಸೀಸನ್. ಕಾಸರಗೋಡಿನ ಶಾಲಾ ಮೈದಾನದಲ್ಲಿ ಮಕ್ಕಳಿಗೆ ಆಟ ಕಲಿಸುತ್ತಲೇ ನಿವೃತ್ತನಾದವನು ನಾನು. ಬೇರೆ ದೇಶದ ಆಟವನ್ನೂ ಆ ಕಣ್ಣಿನಿಂದಲೇ ನೋಡುತ್ತೇನೆ. ಉತ್ತರಗಳನ್ನೂ ಹಾಗೆಯೇ ಬರೆದಿದ್ದೇನೆ.

ಪ್ರಶ್ನೆ: ಮಾಸ್ಟ್ರೇ, ಮಗಳು ಅಳಿಯ ಕ್ಯಾಲಿಫೋರ್ನಿಯಾದಲ್ಲಿದ್ದಾರೆ. ಮೊಮ್ಮಗ ಫೋನು ಮಾಡಿದರೆ ಡಾಡ್ಜರ್ಸ್ ಮಾತು ಬಿಟ್ಟು ಬೇರೆ ಇಲ್ಲ. 98 ಗೆದ್ದೆವು, 64 ಸೋತೆವು ಎನ್ನುತ್ತಾನೆ. ಅಷ್ಟು ಸಲ ಸೋತವರು ಚಾಂಪಿಯನ್ ಆಗುವುದು ಹೇಗೆ?
– ಗೃಹಿಣಿ, ಪೆರ್ಲ

ಅಕ್ಕ, ಐಪಿಎಲ್‌ನಲ್ಲಿ ಲೀಗ್ ಹಂತಕ್ಕೆ ಒಂದು ತಂಡ 14 ಪಂದ್ಯ ಆಡುತ್ತದೆ. ಅಲ್ಲಿ 162. ಮಾರ್ಚ್ ಕೊನೆಯಿಂದ ಸೆಪ್ಟೆಂಬರ್ ಕೊನೆಯವರೆಗೆ ಹೆಚ್ಚುಕಡಿಮೆ ದಿನವೂ ಆಟ, ಅರ್ಧ ತಮ್ಮೂರಲ್ಲಿ, ಅರ್ಧ ಪರವೂರಲ್ಲಿ. ಆ ವರ್ಷ 30 ತಂಡಗಳ ಪೈಕಿ ಅತಿ ಹೆಚ್ಚು ಗೆಲುವು ಅಂದರೆ ನಿಮ್ಮ ಮೊಮ್ಮಗ ಹೇಳಿದ ಆ 98. ಅದೇ ವರ್ಷ ಶಿಕಾಗೋ ವೈಟ್ ಸಾಕ್ಸ್ 121 ಪಂದ್ಯ ಸೋತಿತು, 1900ರಿಂದ ಈಚೆಗೆ ಅಷ್ಟು ಸೋತವರಿಲ್ಲ. ಆ ತಂಡಕ್ಕೂ 41 ಗೆಲುವು ಸಿಕ್ಕಿತ್ತು. ಸೋಲು ಅಲ್ಲಿ ವಾರದ ಲೆಕ್ಕದೊಳಗೇ ಬರುವ ಸಂಗತಿ, ಅದಕ್ಕೆ ಯಾರೂ ತಲೆ ಮೇಲೆ ಕೈಹೊತ್ತು ಕೂರುವುದಿಲ್ಲ.

ಸೆಪ್ಟೆಂಬರ್ ಮುಗಿದ ಮೇಲೆ 12 ತಂಡಗಳು ಮಾತ್ರ ಉಳಿಯುತ್ತವೆ. ಡಾಡ್ಜರ್ಸ್ ಮೊದಲು ಸ್ಯಾನ್ ಡಿಯಾಗೋ ಪಾಡ್ರೇಸನ್ನು ಪಂದ್ಯಗಳ ಸರಣಿಯಲ್ಲಿ 3-2ರಿಂದ, ಆಮೇಲೆ ನ್ಯೂಯಾರ್ಕ್ ಮೆಟ್ಸನ್ನು 4-2ರಿಂದ, ಕೊನೆಗೆ ವರ್ಲ್ಡ್ ಸೀರೀಸ್ ಎಂಬ ಫೈನಲಿನಲ್ಲಿ ನ್ಯೂಯಾರ್ಕ್ ಯಾಂಕೀಸನ್ನು 4-1ರಿಂದ ಸೋಲಿಸಿದರು.

ಪ್ರಶ್ನೆ: ಓಟಾನಿ ಒಬ್ಬನಿಗೇ 70 ಕೋಟಿ ಡಾಲರ್ ಕೊಟ್ಟವರು ಗೆದ್ದರೆ ಅದರಲ್ಲಿ ಏನು ದೊಡ್ಡಸ್ತಿಕೆ ಸರ್? ದುಡ್ಡು ಗೆದ್ದದ್ದಲ್ಲವೇ?
– ಪ್ಲಸ್ ಟು ವಿದ್ಯಾರ್ಥಿ, ಮುಳ್ಳೇರಿಯ

ದುಡ್ಡಿನ ಬಲ ಸಣ್ಣದೆಂದು ನಾನು ಹೇಳುವುದಿಲ್ಲ ತಮ್ಮಾ. ಡಾಡ್ಜರ್ಸ್‌ನ ಜಪಾನಿ ಆಟಗಾರ ಶೋಹೇ ಓಟಾನಿಯ ಆ 70 ಕೋಟಿ 10 ವರ್ಷದ ಕರಾರು. ಅದರಲ್ಲಿ 68 ಕೋಟಿಯನ್ನು ಕರಾರು ಮುಗಿದ ಮೇಲೆ ಕೊಡಿ ಎಂದು ಓಟಾನಿಯೇ ಒಪ್ಪಿಕೊಂಡ. ಅದರಿಂದ ತಂಡದ ಕೈಯಲ್ಲಿ ಬೇರೆಯವರನ್ನು ತರಲು ಹಣ ಉಳಿಯಿತು. ಜಪಾನಿನಿಂದ ಯೋಶಿನೋಬು ಯಮಾಮೊಟೊ 12 ವರ್ಷಕ್ಕೆ 32.5 ಕೋಟಿ ಡಾಲರಿಗೆ ಬಂದ.

ಆದರೆ 2023ರಲ್ಲಿ ಎಲ್ಲರಿಗಿಂತ ಹೆಚ್ಚು ಸಂಬಳ ಕೊಟ್ಟ ತಂಡ ಮೆಟ್ಸ್. ಗೆದ್ದದ್ದು 75, ಸೋತದ್ದು 87. ಇದೇ ಡಾಡ್ಜರ್ಸ್ 2022ರಲ್ಲಿ 111 ಪಂದ್ಯ ಗೆದ್ದು ಅಕ್ಟೋಬರಿನ ತಮ್ಮ ಮೊದಲ ಸುತ್ತಿನಲ್ಲೇ ಪಾಡ್ರೇಸಿಗೆ ಸೋತರು. 2023ರಲ್ಲಿ 100 ಗೆದ್ದು ಅರಿಝೋನಾ ಎದುರು ಒಂದೂ ಗೆಲ್ಲದೆ ಮನೆಗೆ ಹೋದರು. ಆಗಲೂ ಖಜಾನೆ ತುಂಬಿಯೇ ಇತ್ತು.

ಇನ್ನೊಂದು ಮಾತು. ದುಡ್ಡು ಕೊಟ್ಟು ತಂದವರಲ್ಲಿ ಎಷ್ಟು ಮಂದಿ ಆ ವರ್ಷ ನಿಂತರು ಎಂದೂ ನೋಡಬೇಕು. ಓಟಾನಿಯ ಮೊಣಕೈಗೆ ಹಿಂದಿನ ವರ್ಷ ಶಸ್ತ್ರಚಿಕಿತ್ಸೆಯಾಗಿತ್ತು, ಹಾಗಾಗಿ ವರ್ಷವಿಡೀ ಬ್ಯಾಟ್ ಮಾತ್ರ, ಪಿಚಿಂಗ್ (ಬ್ಯಾಟರಿಗೆ ಚೆಂಡು ಎಸೆಯುವುದು, ನಮ್ಮ ಬೌಲಿಂಗ್ ಹಾಗೆ) ಇಲ್ಲ. ಯಮಾಮೊಟೊ ಭುಜದ ನೋವಿನಿಂದ ಜೂನ್ ನಡುವಿನಿಂದ ಸೆಪ್ಟೆಂಬರಿನವರೆಗೆ ಹೊರಗೆ. ಟೈಲರ್ ಗ್ಲಾಸ್ನೋಗೆ ಮೊಣಕೈ. ಹಳೆಯ ಹುಲಿ ಕ್ಲೇಟನ್ ಕರ್ಶಾಗೆ ಕಾಲ್ಬೆರಳು. ಮೂಕಿ ಬೆಟ್ಸ್‌ನ ಎಡಗೈ ಮೂಳೆ ಜೂನ್ 16ರಂದು ಚೆಂಡು ಬಡಿದು ಮುರಿಯಿತು. ಅಕ್ಟೋಬರ್ ಬರುವಾಗ ಆರಂಭದಿಂದ ಎಸೆಯಲು ಗಟ್ಟಿಯಾಗಿ ಉಳಿದ ಪಿಚರ್‌ಗಳು ಮೂವರೇ. ಪಾಡ್ರೇಸ್ ಎದುರು 1-2ರ ಹಿನ್ನಡೆಯಲ್ಲಿದ್ದಾಗ, ಸೋತರೆ ಮನೆಗೆ ಎನ್ನುವ ನಾಲ್ಕನೇ ಪಂದ್ಯವನ್ನು ಎಂಟು ಮಂದಿ ಪಿಚರ್‌ಗಳು ಹಂಚಿಕೊಂಡು ಎಸೆದರು, ಎದುರಾಳಿಗೆ ಒಂದು ಓಟವನ್ನೂ ಕೊಡಲಿಲ್ಲ. 8-0. ಆ ಎಂಟು ಮಂದಿಯಲ್ಲಿ ಎಷ್ಟು ಹೆಸರು ನಿನಗೆ ಗೊತ್ತು? ಹುಡುಕಿ ಓದು. ನನ್ನ ಲೆಕ್ಕದಲ್ಲಿ ಆ ವರ್ಷದ ತಿರುವು ಅಲ್ಲಿದೆ.

ಪ್ರಶ್ನೆ: ಓಟಾನಿಯ '50-50' ಅಂದರೆ ಏನು? ಅದು ನಿಜಕ್ಕೂ ಅಷ್ಟು ಕಷ್ಟವೇ?
– ವ್ಯಾಪಾರಿ, ಕುಂಬಳೆ

ಒಂದೇ ಸೀಸನ್‌ನಲ್ಲಿ 50 ಹೋಮ್ ರನ್, 50 ಬೇಸ್ ಕದಿಯುವುದು. ಹೋಮ್ ರನ್ ಎಂದರೆ ಚೆಂಡನ್ನು ಬೇಲಿ ದಾಟಿಸುವ ಹೊಡೆತ, ನಮ್ಮ ಸಿಕ್ಸರ್ ಹಾಗೆ. ಬೇಸ್ ಎಂದರೆ ಓಟ ಗಳಿಸಲು ಒಂದೊಂದಾಗಿ ಮುಟ್ಟುತ್ತ ಸುತ್ತಿ ಬರಬೇಕಾದ ಚೌಕ. ಕದಿಯುವುದೆಂದರೆ ಪಿಚರ್ ಎಸೆಯಲು ಕೈಯೆತ್ತಿದ ಕೂಡಲೇ ಒಂದು ಬೇಸಿನಿಂದ ಮುಂದಿನದಕ್ಕೆ ಓಡಿ ಸೇರಿಬಿಡುವುದು. ದೊಡ್ಡ ಹೊಡೆತಕ್ಕೆ ಭಾರದ ದೇಹ ಬೇಕು, ಓಟಕ್ಕೆ ಹಗುರ ಬೇಕು. ಎರಡೂ ಒಬ್ಬನಲ್ಲಿ ಸೇರುವುದು ಅಪರೂಪ. ಮೇಜರ್ ಲೀಗ್ ಇತಿಹಾಸದಲ್ಲಿ ಅದುವರೆಗೆ ಯಾರೂ ಮಾಡಿರಲಿಲ್ಲ. ಸೆಪ್ಟೆಂಬರ್ 19ರಂದು ಮಯಾಮಿಯಲ್ಲಿ ಓಟಾನಿ ಆರಕ್ಕೆ ಆರು ಹಿಟ್ (ಹೊಡೆದು ಔಟಾಗದೆ ಬೇಸ್ ಸೇರುವುದು), ಮೂರು ಹೋಮ್ ರನ್, ಎರಡು ಬೇಸ್ ಕದ್ದು ಆ ಗಡಿ ದಾಟಿದ. ಸೀಸನ್ ಮುಗಿದಾಗ 54 ಮತ್ತು 59.

2023ರಿಂದ ಬೇಸ್ ಚೌಕದ ಅಳತೆ 15 ಇಂಚಿನಿಂದ 18 ಇಂಚಿಗೆ ಏರಿದೆ, ಓಟಗಾರನನ್ನು ಹಿಡಿಯಲು ಪಿಚರ್ ಬೇಸಿನ ಕಡೆ ಎಸೆಯುವುದಕ್ಕೂ ಮಿತಿ ಬಂದಿದೆ. ಓಡುವವರಿಗೆ ಅದರಿಂದ ಅನುಕೂಲವಾಯಿತು, ನಿಜ. ಆದರೂ 63 ಸಲ ಹೊರಟು ನಾಲ್ಕೇ ಸಲ ಸಿಕ್ಕಿಬಿದ್ದದ್ದು ಚೌಕ ದೊಡ್ಡದಾದ್ದರಿಂದ ಅಲ್ಲ. ಪಿಚರನ ಭುಜ, ಮಂಡಿ ನೋಡಿ ಕಲಿತ ವಿದ್ಯೆ ಅದು.

ಪ್ರಶ್ನೆ: ಅವರ ದುಭಾಷಿ ಹಣ ಕದ್ದ ಸುದ್ದಿ ಓದಿದ್ದೆ. ಮುಂದೆ ಏನಾಯಿತು?
– ನಿವೃತ್ತ ಬ್ಯಾಂಕ್ ನೌಕರ, ಮಂಜೇಶ್ವರ

ಇಪ್ಪೇ ಮಿಝುಹಾರ ಎಂಬಾತ ಓಟಾನಿಗೆ ದುಭಾಷಿ, ಸ್ನೇಹಿತ ಎಲ್ಲವೂ ಆಗಿದ್ದ. 2024ರ ಮಾರ್ಚಿನಲ್ಲಿ ಡಾಡ್ಜರ್ಸ್ ಸೀಸನ್ ಆರಂಭಿಸಿದ್ದು ದಕ್ಷಿಣ ಕೊರಿಯಾದ ಸೋಲ್‌ನಲ್ಲಿ. ಮೊದಲ ಪಂದ್ಯದ ಬೆನ್ನಿಗೇ ಅವನನ್ನು ಕೆಲಸದಿಂದ ತೆಗೆದರು. ಜೂಜಿನ ಸಾಲ ತೀರಿಸಲು ಓಟಾನಿಯ ಖಾತೆಯಿಂದ ಸುಮಾರು 1.7 ಕೋಟಿ ಡಾಲರ್ ತೆಗೆದಿದ್ದ. ತಪ್ಪೊಪ್ಪಿಕೊಂಡ, 2025ರಲ್ಲಿ 57 ತಿಂಗಳ ಸೆರೆ ಆಯಿತು.

ಓಟಾನಿಯ ಮೊದಲ ಹೋಮ್ ರನ್ ಏಪ್ರಿಲ್ 3ರವರೆಗೆ ಬರಲಿಲ್ಲ. ಮನೆಯವನಂತೆ ಇದ್ದವನು ಹೀಗೆ ಮಾಡಿದ ಮೇಲೆ ದಿನವೂ ಮೈದಾನಕ್ಕಿಳಿದು ಆ ಆಟ ಆಡಿದನಲ್ಲ, ನನಗೆ 50-50ಕ್ಕಿಂತ ಅದು ದೊಡ್ಡದು. ನಮ್ಮ ಹುಡುಗರ ಮೊಬೈಲಿನಲ್ಲೂ ಬೆಟ್ಟಿಂಗ್ ಆ್ಯಪ್‌ಗಳಿವೆ. ಹಿರಿಯರು ಒಮ್ಮೆ ಕೂರಿಸಿ ಮಾತಾಡಿ.

ಪ್ರಶ್ನೆ: ಫ್ರೀಮನ್ ಎನ್ನುವವರ ಮಗನಿಗೆ ಕಾಯಿಲೆಯಿತ್ತಂತೆ. ಮಗು ಹುಷಾರಾಯಿತೇ ಮಾಸ್ಟ್ರೇ?
– ಅಂಗನವಾಡಿ ಕಾರ್ಯಕರ್ತೆ, ನೀರ್ಚಾಲು

ಹುಷಾರಾಯಿತು ತಂಗೀ. ಜುಲೈ ಕೊನೆಗೆ ಕಿರಿಯ ಮಗ ಮ್ಯಾಕ್ಸಿಮಸ್‌ಗೆ ಗಿಯಾನ್-ಬಾರೆ ಎಂಬ ನರದ ಕಾಯಿಲೆ ಬಂದು ಆಸ್ಪತ್ರೆ ಸೇರಬೇಕಾಯಿತು. ಡಾಡ್ಜರ್ಸ್ ಆಟಗಾರ ಫ್ರೆಡ್ಡಿ ಫ್ರೀಮನ್ ಆಟ ಬಿಟ್ಟು ಮಗನ ಬಳಿ ಕೂತರು. ಮಗು ಚೇತರಿಸಿಕೊಂಡು ಮನೆಗೆ ಬಂದ ಮೇಲೆ ಆಗಸ್ಟ್ 5ರಂದು ತಂಡಕ್ಕೆ ಮರಳಿದಾಗ ಲಾಸ್ ಏಂಜಲೀಸಿನ ಪ್ರೇಕ್ಷಕರು ಎದ್ದು ನಿಂತು ಚಪ್ಪಾಳೆ ಹೊಡೆದರು. ಸೆಪ್ಟೆಂಬರ್ ಕೊನೆಯಲ್ಲಿ ಅವರದೇ ಕಾಲಿನ ಹರಡು ಉಳುಕಿತು. ಕುಂಟುತ್ತಲೇ ಅಕ್ಟೋಬರ್ ಆಡಿದರು.

ವರ್ಲ್ಡ್ ಸೀರೀಸ್‌ನ ಮೊದಲ ಪಂದ್ಯ, ಹತ್ತನೇ ಇನಿಂಗ್ಸ್ (ಅಲ್ಲಿ ಮೂರು ಔಟಾದರೆ ಒಂದು ತಂಡದ ಸರದಿ ಮುಗಿಯುತ್ತದೆ), ಎರಡು ಔಟ್, 2-3ರಲ್ಲಿ ಹಿಂದೆ. ಯಾಂಕೀಸ್ ಬೇಕೆಂದೇ ಬೆಟ್ಸ್‌ಗೆ ಬೇಸ್ ಬಿಟ್ಟುಕೊಟ್ಟು ಫ್ರೀಮನ್‌ಗೆ ಎಸೆದರು. ಮೂರೂ ಬೇಸಿನಲ್ಲಿ ಜನ. ನೆಸ್ಟರ್ ಕೋರ್ಟೆಸ್ ಎಸೆದ ಮೊದಲ ಚೆಂಡೇ ಗ್ಯಾಲರಿಗೆ ಹೋಯಿತು. 6-3. ಗ್ರ್ಯಾಂಡ್ ಸ್ಲ್ಯಾಮಿನಿಂದ (ಮೂರೂ ಬೇಸ್ ಭರ್ತಿಯಿದ್ದಾಗ ಹೊಡೆದ ಹೋಮ್ ರನ್) ವರ್ಲ್ಡ್ ಸೀರೀಸ್ ಪಂದ್ಯ ಮುಗಿದದ್ದು ಅದೇ ಮೊದಲು. ಬೇಸ್ ಸುತ್ತಿ ಬಂದವರು ನೇರ ಬಲೆಯ ಆಚೆ ಕೂತಿದ್ದ ತಂದೆಯ ಹತ್ತಿರ ಓಡಿದರು. ಚಿಕ್ಕವನಿದ್ದಾಗ ದಿನವೂ ಚೆಂಡು ಎಸೆದು ಅಭ್ಯಾಸ ಮಾಡಿಸಿದ್ದು ಆ ತಂದೆ. ತಾಯಿ ಚರ್ಮದ ಕ್ಯಾನ್ಸರಿನಿಂದ ತೀರಿಕೊಂಡಾಗ ಫ್ರೀಮನ್‌ಗೆ ಹತ್ತು ವರ್ಷ. ಅಮ್ಮನ ನೆನಪಿಗೆ ಇಂದಿಗೂ ಉದ್ದ ತೋಳಿನ ಅಂಗಿ ಹಾಕಿಯೇ ಆಡುತ್ತಾರೆ.

ಪ್ರಶ್ನೆ: ಐದನೇ ಪಂದ್ಯದಲ್ಲಿ ಯಾಂಕೀಸ್ 5-0 ಮುಂದಿದ್ದು ಸೋತರು. ನಿಮ್ಮ ಪ್ರಕಾರ ಎಲ್ಲಿ ತಪ್ಪಿತು? ನಾವು ಕ್ರಿಕೆಟ್ ಆಡುವವರಿಗೆ ಅರ್ಥವಾಗುವ ಹಾಗೆ ಹೇಳಿ.
– ಕ್ಲಬ್ ಆಟಗಾರ, ಬದಿಯಡ್ಕ

ಇದಕ್ಕೆ ಪುಟ ಪೂರ್ತಿ ಕೊಡಲೂ ನಾನು ತಯಾರು. ಅಕ್ಟೋಬರ್ 30ರ ರಾತ್ರಿ ನ್ಯೂಯಾರ್ಕಿನಲ್ಲಿ, ನಮಗೆ 31ರ ನರಕ ಚತುರ್ದಶಿ ಬೆಳಿಗ್ಗೆ ಐದೂವರೆ ದಾಟಿದ ಹೊತ್ತು. ಎಣ್ಣೆಸ್ನಾನಕ್ಕೆ ಹಂಡೆ ನೀರು ಕಾಯುತ್ತಿದ್ದರೂ ನಾನು ಫೋನು ಬಿಟ್ಟು ಏಳಲಿಲ್ಲ. ಯಾಂಕೀಸ್ ಪಿಚರ್ ಗೆರಿಟ್ ಕೋಲ್ ನಾಲ್ಕು ಇನಿಂಗ್ಸ್‌ವರೆಗೆ ಒಂದೂ ಹಿಟ್ ಕೊಟ್ಟಿರಲಿಲ್ಲ.

ಐದನೆಯದರಲ್ಲಿ ಡಾಡ್ಜರ್ಸ್‌ನ ಕೀಕೇ ಹೆರ್ನಾಂಡೆಸ್ ಒಂದು ಹಿಟ್ ಹೊಡೆದ. ಟಾಮಿ ಎಡ್‌ಮನ್ ಹೊಡೆದದ್ದು ನೇರ ಯಾಂಕೀಸ್‌ನ ಆ್ಯರನ್ ಜಡ್ಜ್ ಕೈಗೆ. ಶಾಲೆಯ ಹುಡುಗನೂ ಹಿಡಿಯುವ ಕ್ಯಾಚ್, ಗ್ಲೌಸಿನಿಂದ ಜಾರಿತು. ಮುಂದಿನ ಚೆಂಡನ್ನು ಆ್ಯಂಟನಿ ವೋಲ್ಪಿ ಹಿಡಿದು ಮೂರನೇ ಬೇಸಿಗೆ ಎಸೆದದ್ದು ನೆಲ ಕಚ್ಚಿ ಹೋಯಿತು. ಮೂರೂ ಬೇಸ್ ಭರ್ತಿ, ಔಟ್ ಸೊನ್ನೆ. ಕೋಲ್ ಎದೆಗುಂದಲಿಲ್ಲ. ಗ್ಯಾವಿನ್ ಲಕ್ಸ್, ಓಟಾನಿ ಇಬ್ಬರನ್ನೂ ಸ್ಟ್ರೈಕ್ ಔಟ್ ಮಾಡಿದ. ಇನ್ನೊಂದು ಔಟ್ ಸಿಕ್ಕಿದರೆ ಮುಗಿಯಿತು.

ಬೆಟ್ಸ್ ಹೊಡೆದ ಚೆಂಡಿಗೆ ಜೋರಿರಲಿಲ್ಲ, ಮೊದಲ ಬೇಸಿನ ಕಡೆ ಉರುಳಿತು. ಬೇಸ್ ಕಾಯುವ ಆಂಟನಿ ರಿಝೋ ಚೆಂಡು ಹಿಡಿಯಲು ಮುಂದೆ ಬಂದ. ಆಗ ಖಾಲಿಯಾದ ಬೇಸಿಗೆ ಓಡಬೇಕಾದವನು ಪಿಚರ್. ಬೇಸ್‌ಬಾಲ್ ಹಿಡಿದ ಮೊದಲ ವಾರದಲ್ಲೇ ಕಲಿಸುವ ಪಾಠ ಅದು. ಕೋಲ್ ಎರಡು ಹೆಜ್ಜೆ ಹಾಕಿ ನಿಂತುಬಿಟ್ಟು ರಿಝೋ ಕಡೆ ಬೆರಳು ತೋರಿಸಿದ. ಬೆಟ್ಸ್ ಓಡಿ ಸೇರಿದ, ಒಂದು ಓಟ ಬಂತು. ಆಮೇಲೆ ಫ್ರೀಮನ್ ಹೊಡೆತಕ್ಕೆ ಎರಡು, ಟಿಯೋಸ್ಕರ್ ಹೆರ್ನಾಂಡೆಸ್ ಹೊಡೆತಕ್ಕೆ ಎರಡು. 5-5.

ಸ್ಕೋರ್‌ಬುಕ್ಕಿನಲ್ಲಿ ಜಡ್ಜ್‌ಗೆ ಒಂದು ತಪ್ಪು, ವೋಲ್ಪಿಗೆ ಒಂದು ತಪ್ಪು ಬರೆದಿದೆ. ಕೋಲ್ ಓಡದೆ ನಿಂತದ್ದಕ್ಕೆ ಏನೂ ಬರೆದಿಲ್ಲ. ಅಲ್ಲಿ ಬೆಟ್ಸ್‌ಗೆ ಒಂದು ಹಿಟ್ ಅಂತ ಇದೆ, ಅಷ್ಟೆ. ನಮ್ಮ ಮುರಕಲ್ಲು ಮೈದಾನದಲ್ಲಿ ಚೆಂಡು ಎತ್ತ ಪುಟಿಯುತ್ತದೆಂದು ಹೇಳಲಾಗದು. ಅದಕ್ಕೇ ಎಸೆತದ ಹಿಂದೆ ಒಬ್ಬ ಬ್ಯಾಕಪ್ ನಿಲ್ಲಲೇಬೇಕು ಎಂದು ನಾನು ಮಕ್ಕಳನ್ನು ಓಡಿಸುತ್ತಿದ್ದೆ. ಹತ್ತರಲ್ಲಿ ಒಂಬತ್ತು ಸಲ ಆ ಓಟ ದಂಡ. ಹತ್ತನೆಯದು ಯಾವಾಗ ಬರುತ್ತದೆಂದು ಗೊತ್ತಿಲ್ಲದ ಕಾರಣ ಹತ್ತೂ ಸಲ ಓಡಬೇಕು.

2025ರ ಫೆಬ್ರವರಿಯ ರಣಜಿ ಸೆಮಿಫೈನಲ್ ನೀವೂ ನೋಡಿರಬಹುದು. ನಮ್ಮ ತಳಂಗರೆಯ ಮೊಹಮ್ಮದ್ ಅಝರುದ್ದೀನ್ ಔಟಾಗದೆ 177 ಹೊಡೆದು ಕೇರಳ 457 ಮಾಡಿತು. ಗುಜರಾತ್ 455ಕ್ಕೆ ಬಂದಾಗ ಕೊನೆಯ ಬ್ಯಾಟರ್ ಬೀಸಿದ ಚೆಂಡು ಶಾರ್ಟ್ ಲೆಗ್‌ನಲ್ಲಿ ನಿಂತಿದ್ದ ಸಲ್ಮಾನ್ ನಿಜಾರ್ ಹೆಲ್ಮೆಟ್ಟಿಗೆ ಬಡಿದು ಸ್ಲಿಪ್‌ನಲ್ಲಿ ಸಚಿನ್ ಬೇಬಿ ಕೈ ಸೇರಿತು. ಎರಡು ಓಟದ ಮುನ್ನಡೆಯಲ್ಲಿ ಕೇರಳ ಮೊದಲ ಸಲ ಫೈನಲಿಗೆ ಹೋಯಿತು. ಅದೃಷ್ಟ ಎಂದರು ಜನ. ತಲೆಗೆ ಚೆಂಡು ಬಡಿಯುವ ಜಾಗದಲ್ಲಿ ಕದಲದೆ ಒಬ್ಬ ಕೂತಿದ್ದ, ಅದಕ್ಕೇ ಆ ಅದೃಷ್ಟ ಬಂತು.

ಮತ್ತೆ ಯಾಂಕೀಸ್ 6-5 ಮುಂದೆ ಹೋದರು. ಎಂಟನೆಯದರಲ್ಲಿ ಲಕ್ಸ್, ಬೆಟ್ಸ್ ಇಬ್ಬರೂ ತಾವು ಔಟಾಗಿ ಒಂದೊಂದು ಓಟ ತಂದು 7-6 ಮಾಡಿದರು. ಕೊನೆಯ ಇನಿಂಗ್ಸ್‌ಗೆ ಪಿಚರ್‌ಗಳು ಉಳಿದಿರಲಿಲ್ಲ. ಎರಡು ದಿನದ ಹಿಂದಷ್ಟೇ ಐದು ಇನಿಂಗ್ಸ್ ಎಸೆದಿದ್ದ ವಾಕರ್ ಬ್ಯೂಲರ್ ತಾನು ಸಿದ್ಧ ಎಂದ. ಮೊಣಕೈಗೆ ಎರಡನೇ ಸಲ ಶಸ್ತ್ರಚಿಕಿತ್ಸೆಯಾಗಿ ಮರಳಿದ್ದವನು. ಆ ಸೀಸನ್‌ನಲ್ಲಿ ಅವನ ಹೆಸರಿಗೆ ಒಂದು ಗೆಲುವು, ಆರು ಸೋಲು. ಬಂದು ಮೂವರನ್ನೂ ಕಳುಹಿಸಿದ.

ಪ್ರಶ್ನೆ: ನನ್ನ ಮಗಳು ಏಳನೇ ಕ್ಲಾಸು. ಒಳ್ಳೆಯ ಎಸೆತ ಇದೆ ಎಂದು ಎಲ್ಲರೂ ಹೇಳುತ್ತಾರೆ. ನಮ್ಮ ಕಡೆಯ ಮಕ್ಕಳಿಗೆ ಈ ಆಟದಲ್ಲಿ ದಾರಿ ಇದೆಯೇ?
– ಆಟೋ ಚಾಲಕ, ಉಪ್ಪಳ

ಇದೆ ಅಣ್ಣಾ. ಉತ್ತರ ಪ್ರದೇಶದ ಹಳ್ಳಿಯಿಂದ ಬಂದ ರಿಂಕು ಸಿಂಗ್ (ಕ್ರಿಕೆಟಿನ ರಿಂಕು ಅಲ್ಲ), ದಿನೇಶ್ ಪಟೇಲ್ ಇಬ್ಬರೂ ಜಾವೆಲಿನ್ ಎಸೆಯುತ್ತಿದ್ದವರು. 2008ರಲ್ಲಿ ಎಸೆತದ ಸ್ಪರ್ಧೆಯೊಂದರಲ್ಲಿ ಆಯ್ಕೆಯಾಗಿ ಅಮೆರಿಕದ ಪಿಟ್ಸ್‌ಬರ್ಗ್ ಪೈರೇಟ್ಸ್ ಜೊತೆ ಕರಾರು ಮಾಡಿಕೊಂಡರು. ಮೇಜರ್ ಲೀಗ್‌ವರೆಗೆ ಹೋಗಲಾಗಲಿಲ್ಲ, ಕೆಳಗಿನ ಲೀಗ್‌ಗಳಲ್ಲಿ ಆಡಿದರು.

ಹೆಣ್ಣುಮಕ್ಕಳಿಗೆ ಸಾಫ್ಟ್‌ಬಾಲ್ ಹತ್ತಿರದ ದಾರಿ. ಚೆಂಡು ಸ್ವಲ್ಪ ದೊಡ್ಡದು, ಪಿಚಿಂಗ್ ಕೆಳಗೈಯಿಂದ. ಅಂಡರ್‌ಆರ್ಮ್ ಕ್ರಿಕೆಟ್ ನೋಡಿ ಬೆಳೆದ ನಮ್ಮ ಕಡೆಯವರಿಗೆ ಅದು ತೀರಾ ಹೊಸದೇನಲ್ಲ. ರಾಷ್ಟ್ರೀಯ ಶಾಲಾ ಕ್ರೀಡಾಕೂಟದಲ್ಲಿ ಸಾಫ್ಟ್‌ಬಾಲ್, ಬೇಸ್‌ಬಾಲ್ ಎರಡೂ ಇವೆ. ಶಾಲೆಯಲ್ಲಿ ತಂಡ ಇಲ್ಲದಿದ್ದರೆ ಮಂಜೇಶ್ವರ ಉಪಜಿಲ್ಲೆಯ ಕ್ರೀಡಾಕೂಟ ನೋಡಿಕೊಳ್ಳುವ ಶಿಕ್ಷಕರನ್ನು ಕಂಡು ಮಾತಾಡಿ. ಮಗಳ ಎಸೆತ ಅವರಿಗೆ ಕಣ್ಣಾರೆ ತೋರಿಸಿ, ಬಾಯಿಮಾತು ಸಾಲದು.

ಅದುವರೆಗೆ ಮನೆಯಂಗಳದಲ್ಲಿ ಎರಡು ಚಪ್ಪಟೆ ಕಲ್ಲು ಇಟ್ಟು ಅಭ್ಯಾಸ ಮಾಡಿಸಿ. ಸಾಫ್ಟ್‌ಬಾಲ್‌ನಲ್ಲಿ ಬೇಸಿನಿಂದ ಬೇಸಿಗೆ 60 ಅಡಿ, ಅಷ್ಟು ಜಾಗ ಇಲ್ಲದಿದ್ದರೆ ಇದ್ದಷ್ಟರಲ್ಲಿ. ನೀವು ಚೆಂಡು ಉರುಳಿಸಿ, ಅವಳು ಹಿಡಿದು ಎಸೆಯಲಿ. ತಮ್ಮನೋ ತಂಗಿಯೋ ಇದ್ದರೆ ಎಸೆತ ಹೋಗುವ ಕಲ್ಲಿನ ಹಿಂದೆ ನಿಲ್ಲಿಸಿ, ಎಸೆತ ಸರಿಯಿದ್ದರೂ ಪ್ರತಿಸಲ ಓಡಿ ಬಂದು ನಿಲ್ಲಲು ಹೇಳಿ. ಆಮೇಲೆ ಜಾಗ ಅದಲುಬದಲು ಮಾಡಿ.